ಎಣಿಸಿದವರು, ಎಣಿಸಿಕೊಂಡವರು

'ಎನ್ಯೂಮರೇಟರ್' ಅನ್ನೋ ಇಂಗ್ಲಿಷ್ ಪದ ನಮ್ಮ ಸೋಲೂರು ಕಡೆಯ ಹಳ್ಳಿಗಳಿಗೆ ಪುಸ್ತಕದ ಮೂಲಕ ಬರಲಿಲ್ಲ. ಪ್ರೈಮರಿ ಸ್ಕೂಲಿನ ಮೇಷ್ಟ್ರ ಹೆಗಲ ಚೀಲದಲ್ಲಿ ಬಂತು. ಕೇರಿಯ ಜನ ಅದನ್ನು ಬಾಯಿಗೆ ಹಾಕಿಕೊಳ್ಳಲಿಲ್ಲ. "ಲೆಕ್ಕದೋರು ಬಂದವ್ರೆ" ಅಂದು ಮುಗಿಸಿದರು. ಆದರೆ ಆ ಪದದ ಒಳಗೆ ಏನಿದೆ ಎಂದು ನೋಡುವುದು ನಮಗೆ ಅಗತ್ಯ. ಯಾಕೆಂದರೆ ನೂರೈವತ್ತು ವರ್ಷಗಳಿಂದ ನಮ್ಮ ಅನ್ನ, ಅಕ್ಷರ, ಓಟು, ಮೀಸಲಾತಿ ಎಲ್ಲವೂ ಆ ಪದದ ಬಾಗಿಲಲ್ಲೇ ನಿಂತಿವೆ.

ಲ್ಯಾಟಿನ್ನಿನಲ್ಲಿ 'ನ್ಯೂಮೆರಸ್' ಎಂದರೆ ಸಂಖ್ಯೆ, ಅದರ ಹಿಂದಿನ 'ಎ' ಎಂದರೆ ಹೊರಗೆ. ಒಂದೊಂದನ್ನೇ ಹೊರಗೆ ತೆಗೆದಿಟ್ಟು, ಹೆಸರು ಹಿಡಿದು ಎಣಿಸುವುದು ಎನ್ಯೂಮರೇಷನ್. ಬರಿಯ ಎಣಿಕೆಯಲ್ಲಿ ರಾಶಿ ಮುಖ್ಯ, ಇದರಲ್ಲಿ ಪ್ರತಿಯೊಂದು ಕಾಳೂ ಮುಖ್ಯ. ಇಂಗ್ಲಿಷರು ಬರುವುದಕ್ಕೆ ಮುಂಚೆ ನಮ್ಮ ಅರಮನೆ ಕಚೇರಿಗಳಲ್ಲಿ ಇದಕ್ಕೆ 'ಖಾನೇಷುಮಾರಿ' ಎಂಬ ಪಾರಸಿ ಮಾತಿತ್ತು. ಖಾನೆ ಎಂದರೆ ಮನೆ, ಷುಮಾರಿ ಎಂದರೆ ಎಣಿಸುವುದು. ಇದೇ 'ಷುಮಾರ್' ನಮ್ಮ ಜನರ ಬಾಯಿಗೆ ಬಂದು 'ಸುಮಾರು' ಆಯಿತು! ದೊರೆಯ ಕಚೇರಿಯಲ್ಲಿ ಖಚಿತ ಎಣಿಕೆ ಎನಿಸಿಕೊಂಡದ್ದು ಹಳ್ಳಿಯಲ್ಲಿ 'ಹೆಚ್ಚೂಕಡಿಮೆ' ಎಂಬ ಅರ್ಥಕ್ಕೆ ಇಳಿಯಿತು. ಸರ್ಕಾರಿ ಲೆಕ್ಕದ ಬಗ್ಗೆ ಜನ ಮಾಡಿರುವ ಇದಕ್ಕಿಂತ ಒಳ್ಳೆಯ ವಿಮರ್ಶೆಯನ್ನು ನಾವು ಬೇರೆಲ್ಲೂ ಕಂಡಿಲ್ಲ.

'ಸೆನ್ಸಸ್' ಎಂಬ ಮಾತು ಇನ್ನೂ ಹಳೆಯದು, ರೋಮಿನದು. ಅಲ್ಲಿ ಪ್ರಜೆಗಳನ್ನು ಆಸ್ತಿಯ ಪ್ರಕಾರ ವರ್ಗಗಳಾಗಿ ವಿಂಗಡಿಸಿ ಬರೆದುಕೊಳ್ಳುತ್ತಿದ್ದರು. ಕುದುರೆ ಇದ್ದವನು, ಭೂಮಿ ಇದ್ದವನು, ಕತ್ತಿ ಗುರಾಣಿ ಕೊಳ್ಳಬಲ್ಲವನು, ಹೀಗೆ. ಏನೂ ಇಲ್ಲದವನನ್ನು ಏನೆಂದು ಬರೆಯುವುದು? ಅವನ ತಲೆಯನ್ನು ಮಾತ್ರ ಎಣಿಸಿ 'ಕಾಪಿಟೆ ಸೆನ್ಸಿ' ಎಂದರು, ತಲೆಯಿಂದ ಲೆಕ್ಕವಾದವರು. ಅವರಿಗೇ ಇನ್ನೊಂದು ಹೆಸರು 'ಪ್ರೊಲಿಟಾರಿ'. 'ಪ್ರೋಲೆಸ್' ಎಂದರೆ ಸಂತಾನ. ರಾಜ್ಯಕ್ಕೆ ಮಕ್ಕಳನ್ನು ಹೆತ್ತು ಕೊಡುವುದಲ್ಲದೆ ಬೇರೇನನ್ನೂ ಕೊಡಲಾರದವರು. ಕಾರ್ಮಿಕರ ಸಭೆಗಳಲ್ಲಿ ನಾವು ಗಂಟಲು ಹರಿಯುವಂತೆ ಕೂಗಿದ 'ಪ್ರೊಲಿಟೇರಿಯಟ್' ಎಂಬ ಪದ ಹುಟ್ಟಿದ್ದು ಒಂದು ಜನಗಣತಿಯ ಕಡತದಲ್ಲಿ. ಮಾರ್ಕ್ಸ್ ಅದನ್ನು ಕಡತದಿಂದ ಬೀದಿಗೆ ತಂದ.

ನಮ್ಮೂರ ಕಡತಕ್ಕೆ ಬರೋಣ. ಹಳೆಯ ಮೈಸೂರಿನ ಹಳ್ಳಿಯಲ್ಲಿ ಬರೆಯುತ್ತಿದ್ದವನು ಶಾನುಭೋಗ. ಹೊಲದ ಎಲ್ಲೆ ಎಲ್ಲಿ ಮುಗಿಯುತ್ತದೆ ಎಂದು ಗೊತ್ತಿದ್ದವನು ಹೊಲಗೇರಿಯ ಕುಳವಾಡಿ. ಎಲ್ಲೆಯ ಜಗಳ ಬಂದಾಗ ಕುಳವಾಡಿಯ ಮಾತೇ ಕೊನೆ ಎಂದು ಬ್ರಿಟಿಷ್ ಅಧಿಕಾರಿಗಳೇ ಬರೆದಿಟ್ಟಿದ್ದಾರೆ. ಅವನು ತಲೆಯ ಮೇಲೆ ಮಣ್ಣು ಹೊತ್ತು ಎಲ್ಲೆಯ ಮೇಲೆ ನಡೆಯುತ್ತಿದ್ದ. ಊರನ್ನು ಬಲ್ಲವನು ಅವನು, ಊರನ್ನು ಬರೆದವನು ಇನ್ನೊಬ್ಬ. ಬಲ್ಲವನಿಗೆ ಅಕ್ಷರವಿಲ್ಲ, ಅಕ್ಷರವಿದ್ದವನು ಕೇರಿಯೊಳಕ್ಕೆ ಕಾಲಿಡುವುದಿಲ್ಲ. ನಮ್ಮ ಲೆಕ್ಕದ ಚರಿತ್ರೆ ಶುರುವಾಗುವುದೇ ಈ ಸೀಳಿನಿಂದ.

ಕಣದಲ್ಲಿ ರಾಗಿ ರಾಶಿ ಅಳೆಯುವಾಗ 'ಒಂದು' ಅನ್ನುವುದಿಲ್ಲ, 'ಲಾಭ' ಅನ್ನುತ್ತಾರೆ. ಲಾಭ, ಎರಡು, ಮೂರು... ಇಪ್ಪತ್ತು ಕೊಳಗಕ್ಕೆ ಒಂದು ಖಂಡುಗ. ಇಂಗ್ಲಿಷಿನಲ್ಲಿಯೂ ಇಪ್ಪತ್ತಕ್ಕೆ 'ಸ್ಕೋರ್' ಎಂಬ ಹಳೆಯ ಹೆಸರಿದೆ. ಆ ಪದದ ಇನ್ನೊಂದು ಅರ್ಥ ಕೋಲಿನ ಮೇಲೆ ಕೊಯ್ದ ಗುರುತು. ಅಲ್ಲಿನ ಕುರಿಗಾಹಿಯೂ ಇಲ್ಲಿನ ರೈತನೂ ಕೈಬೆರಳು ಕಾಲ್ಬೆರಳು ಮುಗಿದ ಮೇಲೆ ಒಂದು ಗುರುತು ಹಾಕಿಕೊಂಡವರೇ. ಆದರೆ ಕಣದಲ್ಲಿ 'ಲಾಭ' ಎಂದು ಕೂಗಿದಾಗ ಅದು ಯಾರ ಲಾಭ? ಬಿತ್ತಿ, ಕಳೆ ಕಿತ್ತು, ಕೊಯ್ದು, ಬಡಿದು, ತೂರಿದ ಆಳಿಗೆ ಸಿಕ್ಕಿದ್ದು ರಾಶಿಯ ತಳದ ಮಣ್ಣುಗಾಳು. ಅದನ್ನು ಯಾರೂ ಎಣಿಸಿ ಕೊಡಲಿಲ್ಲ.

ಎಣಿಕೆಗೆ ಸಂಬಂಧಪಟ್ಟ ಇನ್ನೊಂದು ಇಂಗ್ಲಿಷ್ ಮಾತು 'ಟ್ಯಾಲಿ'. ಈಗ ಅಂಗಡಿಯ ಹುಡುಗರೂ "ಲೆಕ್ಕ ಟ್ಯಾಲಿ ಆಗ್ತಿಲ್ಲ" ಅನ್ನುತ್ತಾರೆ. ಮೂಲದಲ್ಲಿ ಅದು ಒಂದು ಕೋಲು. ಸಾಲದ ಮೊತ್ತಕ್ಕೆ ತಕ್ಕಂತೆ ಅದರ ಮೇಲೆ ಅಡ್ಡಡ್ಡ ಕಚ್ಚು ಹಾಕಿ, ಆಮೇಲೆ ಉದ್ದಕ್ಕೆ ಎರಡಾಗಿ ಸೀಳುತ್ತಿದ್ದರು. ಒಂದು ಸೀಳು ಸಾಲ ಕೊಟ್ಟವನ ಹತ್ತಿರ, ಇನ್ನೊಂದು ಸಾಲ ಪಡೆದವನ ಹತ್ತಿರ. ಒಬ್ಬ ಕಳ್ಳತನದಿಂದ ಒಂದು ಕಚ್ಚು ಹೆಚ್ಚಿಗೆ ಹಾಕಿದರೆ ಎರಡೂ ಸೀಳು ಜೋಡಿಸಿದಾಗ ಗುಟ್ಟು ರಟ್ಟಾಗುತ್ತಿತ್ತು. ಇಂಗ್ಲೆಂಡಿನ ಬೊಕ್ಕಸದಲ್ಲಿ ಇದು 1826ರವರೆಗೂ ನಡೆಯಿತು. 1834ರಲ್ಲಿ ಹಳೆಯ ಕೋಲುಗಳನ್ನು ಒಲೆಗೆ ಹಾಕಿ ಸುಡಲು ಹೋಗಿ ಅವರ ಪಾರ್ಲಿಮೆಂಟ್ ಭವನವೇ ಸುಟ್ಟುಹೋಯಿತು. ಅದಿರಲಿ. ಓದು ಬಾರದವನ ಕೈಯಲ್ಲೂ ಲೆಕ್ಕದ ಅರ್ಧ ಇರುತ್ತಿತ್ತು ಎಂಬುದನ್ನು ಗಮನಿಸಿ. ನಮ್ಮ ಜೀತದ ಲೆಕ್ಕಕ್ಕೆ ಇನ್ನರ್ಧವೇ ಇರಲಿಲ್ಲ. ಧಣಿಯ ಪುಸ್ತಕ ಒಂದೇ. ಮದುವೆಗೆ ತಂದ ಸಾಲ, ಅದರ ಬಡ್ಡಿ, ಜ್ವರ ಬಂದು ಮಲಗಿದ ದಿನ, ಸತ್ತ ಎತ್ತಿನ ಬೆಲೆ ಎಲ್ಲ ಆ ಪುಸ್ತಕಕ್ಕೆ ಹೋಗುತ್ತಿತ್ತು. ಜೀತಗಾರ ತನ್ನ ಗುಡಿಸಲ ಗೋಡೆಗೆ ಇದ್ದಿಲಲ್ಲಿ ಗೀರು ಹಾಕಿಕೊಂಡಿದ್ದರೂ ಅದು ಪಂಚಾಯ್ತಿಯಲ್ಲಿ ಸಾಕ್ಷಿಯಾಗಲಿಲ್ಲ. ಅಪ್ಪ ತೀರಿಸದ ಲೆಕ್ಕಕ್ಕೆ ಮಗ ಹೋಗಿ ನಿಂತ. ಜೀತವನ್ನು ಕಾನೂನು ರದ್ದು ಮಾಡಿದ್ದು 1976ರಲ್ಲಿ.

ಇಂಗ್ಲಿಷಿನಲ್ಲಿ ಕಥೆಗೆ 'ಟೇಲ್' ಅನ್ನುತ್ತಾರಲ್ಲ, ಅದಕ್ಕೂ ಹಿಂದೆ ಎಣಿಕೆ ಎಂಬ ಅರ್ಥವಿತ್ತು. ಬ್ಯಾಂಕಿನಲ್ಲಿ ದುಡ್ಡು ಎಣಿಸಿ ಕೊಡುವವನು 'ಟೆಲ್ಲರ್' ಆದದ್ದು ಹಾಗೆ. ಹಳೆಯ ಇಂಗ್ಲಿಷ್ ಬೈಬಲ್ಲಿನಲ್ಲಿ ಈಜಿಪ್ಟಿನ ಗುಲಾಮರಿಗೆ ಹುಲ್ಲು ಕೊಡುವುದನ್ನು ನಿಲ್ಲಿಸಿ, ಇಟ್ಟಿಗೆಯ ಸಂಖ್ಯೆ ಮಾತ್ರ ಕಡಿಮೆಯಾಗಬಾರದು ಎಂದು ಹೊಡೆಯುವ ಪ್ರಸಂಗ ಬರುತ್ತದೆ. ಅಲ್ಲಿ ಆ ಸಂಖ್ಯೆಗೆ ಬಳಸಿದ ಪದ ಇದೇ 'ಟೇಲ್'. ಇಟ್ಟಿಗೆ ಗೂಡುಗಳಲ್ಲಿ ಸಾವಿರಕ್ಕೆ ಇಷ್ಟು ಎಂದು ಮುಂಗಡ ತಗೊಂಡು ಸಂಸಾರ ಸಮೇತ ಮಣ್ಣು ತುಳಿಯುವವರಿಗೆ ಈ ಕಥೆಯನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇನ್ನು ಅಂಕಿಗಳಿಗೆ ಬರೋಣ. ಮೈಸೂರು ಸೀಮೆಯಲ್ಲಿ ಮೊದಲ ಕ್ರಮಬದ್ಧ ಜನಗಣತಿ ನಡೆದದ್ದು 1871ರಲ್ಲಿ. ಆಗ ಜನ 50,55,412. ಎರಡನೆಯದು 1881ರಲ್ಲಿ: 41,86,188. ಹತ್ತು ವರ್ಷದಲ್ಲಿ 8,69,224 ಜನ ಕಡಿಮೆ. ನಡುವೆ ಬಂದದ್ದು 1876ರಿಂದ 1878ರವರೆಗಿನ ಮಹಾ ಬರ. ಸತ್ತವರು, ಹುಟ್ಟದೆ ಹೋದವರು, ಊರು ಬಿಟ್ಟು ಹೋದವರು ಎಲ್ಲ ಸೇರಿ ಈ ಸಂಖ್ಯೆ. ಯಾರು ಮೊದಲು ಸತ್ತರು ಎಂದು ಊಹಿಸುವುದು ಕಷ್ಟವಲ್ಲ. ಹಗೇವಿನಲ್ಲಿ ರಾಗಿ ಇದ್ದವನು ಒಂದು ವರ್ಷ ತಳ್ಳಿದ. ಕೂಲಿ ನಿಂತ ದಿನವೇ ಗಂಜಿ ನಿಂತವನು ತಳ್ಳಲಿಲ್ಲ. ಎನ್ಯೂಮರೇಷನ್ ಎಂದರೆ ಒಬ್ಬೊಬ್ಬರನ್ನೇ ಹೆಸರು ಹಿಡಿದು ಎಣಿಸುವುದು ಎಂದೆವಲ್ಲ, ಇವರಿಗೆ ಆ ಭಾಗ್ಯ ಸಿಗಲಿಲ್ಲ. ಇವರು ಸಿಗುವುದು ಒಂದು ಕಳೆಯುವ ಲೆಕ್ಕದಲ್ಲಿ ಮಾತ್ರ. ಮೇಷ್ಟ್ರುಗಳು ಕಪ್ಪು ಹಲಗೆಯ ಮೇಲೆ ಈ ಎರಡು ಸಂಖ್ಯೆ ಬರೆದು ಮಕ್ಕಳ ಕೈಯಲ್ಲಿ ಕಳೆಸಿ ನೋಡಲಿ.

ಆಮೇಲೆ ಜಾತಿಯ ಕಾಲಂ. 1901ರಲ್ಲಿ ಕಮಿಷನರ್ ರಿಸ್ಲೆ ಜಾತಿಗಳನ್ನು ಸಮಾಜದಲ್ಲಿ ಮೇಲು ಕೀಳು ಎಂಬ ಅನುಕ್ರಮದಲ್ಲೇ ಬರೆಸಲು ಹೊರಟ. ನಮ್ಮನ್ನು ಮೇಲೆ ಬರೆಯಿರಿ ಎಂದು ದೇಶದ ಎಲ್ಲ ಕಡೆಯಿಂದ ಅರ್ಜಿಗಳು ಹೊರಟವು. ಎಣಿಸುವವನು ಏಣಿ ತಂದು ನಿಲ್ಲಿಸಿದರೆ ಮೆಟ್ಟಿಲಿಗೆ ಜಗಳ ಬರದೆ ಇರುತ್ತದೆಯೆ? 1911ರ ಗಣತಿಗೆ ಮುಂಚೆ ಹತ್ತು ಪರೀಕ್ಷೆಗಳ ಒಂದು ಪಟ್ಟಿ ಬಂತು. ಬ್ರಾಹ್ಮಣರ ಹಿರಿಮೆಯನ್ನು ಒಪ್ಪದವರು, ಮಂತ್ರ ಸಿಗದವರು, ದೇವಸ್ಥಾನದೊಳಕ್ಕೆ ಹೋಗಬಾರದವರು, ಮುಟ್ಟಿದರೆ ಮೈಲಿಗೆಯಾಗುವವರು, ಸತ್ತವರನ್ನು ಹೂಳುವವರು, ದನದ ಮಾಂಸ ತಿನ್ನುವವರು ಯಾರು ಎಂದು ಗುರುತಿಸಿ ಎಂದು. ಈ ಪಟ್ಟಿಯನ್ನು ಎತ್ತಿಕೊಂಡೇ ಬಾಬಾಸಾಹೇಬರು 1948ರ ತಮ್ಮ 'ದಿ ಅನ್‌ಟಚಬಲ್ಸ್' ಪುಸ್ತಕದಲ್ಲಿ ಅಸ್ಪೃಶ್ಯತೆಯ ಮೂಲ ಹುಡುಕಿದರು. ಸರ್ಕಾರ ನಮ್ಮನ್ನು ವಿಂಗಡಿಸಲು ಮಾಡಿದ ಪಟ್ಟಿ ಅವರ ಕೈಯಲ್ಲಿ ಪುರೋಹಿತಶಾಹಿಯ ವಿರುದ್ಧದ ಸಾಕ್ಷಿಯಾಯಿತು.

ಸಂಖ್ಯೆ ಎಂದರೆ ಸೀಟು ಎಂದು ಗೊತ್ತಾದ ಮೇಲೆ ನಾಟಕ ಬದಲಾಯಿತು. 1932ರಲ್ಲಿ ಓಟಿನ ಹಕ್ಕಿನ ವಿಚಾರಣೆಗೆ ಬಂದ ಲೋಥಿಯನ್ ಸಮಿತಿಯ ಮುಂದೆ ಕೆಲವು ಪ್ರಾಂತ್ಯಗಳ ಮುಖಂಡರು ತಮ್ಮಲ್ಲಿ ಅಸ್ಪೃಶ್ಯರು ಬಹಳ ಕಡಿಮೆ ಎಂದು ಸಾಧಿಸತೊಡಗಿದರು. ಬಾವಿಯ ಹತ್ತಿರ ಕಾಣುತ್ತಿದ್ದವರು ಪಟ್ಟಿಯಲ್ಲಿ ಕಾಣದೆ ಹೋದರು! ಸಮಿತಿಯ ಸದಸ್ಯರಾಗಿದ್ದ ಅಂಬೇಡ್ಕರ್ ಬೇರೆ ಟಿಪ್ಪಣಿಯನ್ನೇ ಬರೆದುಕೊಡಬೇಕಾಯಿತು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಪೂನಾ ಒಪ್ಪಂದ, ಪ್ರತ್ಯೇಕ ಮತದಾನ ಹೋಗಿ 148 ಮೀಸಲು ಸ್ಥಾನ. "ಲೆಕ್ಕಕ್ಕುಂಟು ಆಟಕ್ಕಿಲ್ಲ" ಅಂತಾರಲ್ಲ, ಆಟಕ್ಕೆ ಬರುತ್ತಾರೆ ಅಂತ ಗೊತ್ತಾದಾಗ ಲೆಕ್ಕದಿಂದಲೇ ಕೈಬಿಡುವ ಉಪಾಯ ಅದು.

ಸ್ವಾತಂತ್ರ್ಯ ಬಂದ ಮೇಲೆ 1951ರಿಂದ ಎಲ್ಲ ಜಾತಿಗಳ ಎಣಿಕೆ ನಿಂತು ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡಗಳ ಎಣಿಕೆ ಮಾತ್ರ ಉಳಿಯಿತು. ಇದರ ಅರ್ಥ ನೋಡಿ: ಜಾತಿ ಇರುವುದು ಕೇರಿಯವರಿಗೆ ಮಾತ್ರ, ಅಗ್ರಹಾರದವರಿಗೂ ಗೌಡರಿಗೂ ಜಾತಿಯೇ ಇಲ್ಲ ಎಂಬಂತಾಯಿತು. ಅದರಲ್ಲೂ 1956ರಲ್ಲಿ ಬಾಬಾಸಾಹೇಬರ ಹಿಂದೆ ಬುದ್ಧನ ಕಡೆ ನಡೆದವರು ಪರಿಶಿಷ್ಟರ ಲೆಕ್ಕದಿಂದ ಜಾರಿಬಿದ್ದರು. ಕೇಂದ್ರ ಸರ್ಕಾರ ಅವರನ್ನು ಮತ್ತೆ ಸೇರಿಸಿದ್ದು 1990ರಲ್ಲಿ. ಮೂವತ್ತನಾಲ್ಕು ವರ್ಷ!

2011ರ ಗಣತಿಯ ಪ್ರಕಾರ ಕರ್ನಾಟಕದ ಪರಿಶಿಷ್ಟ ಜಾತಿಯವರು 1,04,74,992. ಇದರೊಳಗೆ 101 ಜಾತಿಗಳು. ಇಲ್ಲಿಂದ ಮುಂದಿನ ಗಂಟು ನಮ್ಮದೇ ಮನೆಯೊಳಗಿನದು, ಅದನ್ನೂ ಬಿಚ್ಚಿಯೇ ಮಾತಾಡಬೇಕು. 1920ರ ದಶಕದಲ್ಲಿ ಮೈಸೂರು ಸರ್ಕಾರ 'ಪಂಚಮ' ಎಂಬ ಹೆಸರು ಬಿಟ್ಟು 'ಆದಿ ಕರ್ನಾಟಕ', 'ಆದಿ ದ್ರಾವಿಡ' ಎಂದು ಬರೆಯತೊಡಗಿತು. ಬೈಗುಳದಂತಿದ್ದ ಹೆಸರಿನ ಬದಲು ತಲೆ ಎತ್ತಿ ಹೇಳುವ ಹೆಸರು. ನಮ್ಮ ಹಿರಿಯರು ಅದನ್ನು ಸಂತೋಷದಿಂದಲೇ ತೊಟ್ಟರು. ಆದರೆ ಒಂದು ಕಡೆ ಹೊಲೆಯರು ಆದಿ ಕರ್ನಾಟಕರಾದರು, ಇನ್ನೊಂದು ಕಡೆ ಮಾದಿಗರು ಆದಿ ಕರ್ನಾಟಕರಾದರು. ಬಲಗೈ ಎಡಗೈ ಎರಡೂ ಒಂದೇ ಹೆಸರಿನ ಕೆಳಗೆ ಹೋದವು. ಯಾರ ಪಾಲು ಯಾರಿಗೆ ಸಿಕ್ಕಿತು ಎಂದು ಕೇಳಿದರೆ ಉತ್ತರ ಹೇಳುವ ಕಡತವೇ ಇಲ್ಲದಂತಾಯಿತು. ಮಾದಿಗ ದಂಡೋರದ ತಮಟೆಯ ಹಿಂದೆ ಇದ್ದ ಪ್ರಶ್ನೆ ಇದೇ. 2005ರಲ್ಲಿ ನೇಮಕವಾದ ಸದಾಶಿವ ಆಯೋಗ 2012ರಲ್ಲಿ ವರದಿ ಕೊಟ್ಟಿತು, ವರದಿ ಕಪಾಟಿಗೆ ಹೋಯಿತು. 2024ರ ಆಗಸ್ಟ್ 1ರಂದು ಸುಪ್ರೀಂ ಕೋರ್ಟು ಒಳವಿಂಗಡಣೆಗೆ ಒಪ್ಪಿದ ಮೇಲೆ ನಾಗಮೋಹನ ದಾಸ್ ಆಯೋಗ ಬಂತು. ಇರುವ ಅಂಕಿಗಳಿಂದ ಇದು ಬಗೆಹರಿಯದು ಎಂದು 2025ರ ಮೇ 5ರಿಂದ ಮನೆಮನೆ ಸಮೀಕ್ಷೆ ಶುರುವಾಯಿತು. ಎನ್ಯೂಮರೇಟರುಗಳು ಮತ್ತೆ ನಮ್ಮ ಮೇಷ್ಟ್ರುಗಳೇ, ಕೈಯಲ್ಲಿ ಮೊಬೈಲು.

ಆಗ ಕೇರಿಗಳಲ್ಲಿ ನಡೆದ ಮಾತು ಹೆಚ್ಚೂಕಡಿಮೆ ಹೀಗೆ:

"ಯಾವ ಜನ ಅಂತ ಬರ್ಕೊಳ್ಲಿ ಅಜ್ಜಿ?"

"ಎಕೆ ಅಂತ ಬರ್ಕಳಿ ಮೇಷ್ಟ್ರೆ."

"ಎಕೆ ಅಂದ್ರೆ ಎಡಗೈನೋ ಬಲಗೈನೋ?"

"ಎಕೆ ಅಂದ್ರೆ ಎಕೆನೇ ಕಣಪ್ಪ. ಸರ್ಟಿಫಿಕೇಟಲ್ಲೂ ಅದೇ ಐತಲ್ಲ."

ನಗುವ ಮಾತಲ್ಲ ಇದು. ಸರ್ಕಾರ ತಾನೇ ಕೊಟ್ಟ ಹೆಸರನ್ನು ನೂರು ವರ್ಷ ಆದಮೇಲೆ ಅಜ್ಜಿಗೆ ತಿರುಗಿಸಿ ಕೇಳುತ್ತಿದೆ. ಬೆಂಗಳೂರಿನಲ್ಲಿ ಬಾಡಿಗೆ ಮನೆಯಲ್ಲಿರುವ ಅವಳ ಮೊಮ್ಮಗ ಅದನ್ನೂ ಹೇಳಲಾರ. ಪಕ್ಕದ ಮನೆಯ ಓನರ್ ಕೇಳಿಸಿಕೊಂಡರೆ ನಾಳೆ ಮನೆ ಖಾಲಿ ಮಾಡಬೇಕು. ಕೊನೆಗೂ ನಾಲ್ಕು ಲಕ್ಷಕ್ಕೂ ಹೆಚ್ಚು ಜನ ಮೂಲ ಜಾತಿ ಹೇಳದೆ ಆದಿ ಕರ್ನಾಟಕ, ಆದಿ ದ್ರಾವಿಡ, ಆದಿ ಆಂಧ್ರ ಎಂದಷ್ಟೇ ಬರೆಸಿ ಉಳಿದರು. ಆಯೋಗ ಆಗಸ್ಟ್ 4ರಂದು ವರದಿ ಕೊಟ್ಟು ಐದು ಗುಂಪು ಮಾಡಿತ್ತು. ಅದರಲ್ಲಿ ಒಂದು ಅಲೆಮಾರಿಗಳದು, ಶೇಕಡ 1. ಆಗಸ್ಟ್ 19ರಂದು ಸಂಪುಟ ಅದನ್ನು 6, 6, 5 ಎಂದು ಮೂರು ಮಾಡಿ, ಅಲೆಮಾರಿಗಳನ್ನು ತಮಗಿಂತ ಬಲವಾದವರ ಜೊತೆ ಕಟ್ಟಿತು. ಅವರು ಬೀದಿಗಿಳಿದರು. ಒಂದು ಊರಲ್ಲಿ ನಿಲ್ಲದವನನ್ನು, ಬಾಗಿಲಿಗೆ ನಂಬರೇ ಇಲ್ಲದವನನ್ನು ಹಿಡಿದು ಎಣಿಸುವುದು ಕಷ್ಟ. ಎಣಿಸಿದ ಮೇಲೆ ಮರೆಯುವುದು ಸುಲಭ.

ಸೋಲೂರನ್ನೇ ನೋಡಿ. 1986ರವರೆಗೆ ಬೆಂಗಳೂರು ಜಿಲ್ಲೆ, ಆಮೇಲೆ ಬೆಂಗಳೂರು ಗ್ರಾಮಾಂತರ, 2007ರಿಂದ ರಾಮನಗರ, 2025ರಲ್ಲಿ ಆ ಜಿಲ್ಲೆಗೆ ಬೆಂಗಳೂರು ದಕ್ಷಿಣ ಎಂಬ ಹೆಸರು. ಇದ್ದ ಕಡೆಯೇ ಇದ್ದ ಕೇರಿಯ ಅಂಕಿಗಳನ್ನು ಹುಡುಕಲು ಮೂರು ಜಿಲ್ಲೆಯ ಪುಸ್ತಕ ತಿರುವಬೇಕು.

2021ರಲ್ಲಿ ನಡೆಯಬೇಕಿದ್ದ ರಾಷ್ಟ್ರೀಯ ಜನಗಣತಿ ನಡೆಯಲಿಲ್ಲ. 2027ರ ಮಾರ್ಚ್ 1ರ ಲೆಕ್ಕಕ್ಕೆ ಗಣತಿ ಎಂದು 2025ರ ಜೂನ್‌ನಲ್ಲಿ ಕೇಂದ್ರ ಸರ್ಕಾರ ಪ್ರಕಟಿಸಿತು. 1931ರ ನಂತರ ಮೊದಲ ಸಲ ಎಲ್ಲರ ಜಾತಿಯನ್ನೂ ಕೇಳುವ ಗಣತಿ ಎಂಬುದು ಆ ತೀರ್ಮಾನ. ಎನ್ಯೂಮರೇಟರ್ ಕೆಲಸ ಬೀಳುವ ಮೇಷ್ಟ್ರುಗಳಲ್ಲಿ ಈ ಪತ್ರಿಕೆ ಓದುವವರೂ ಇರುತ್ತಾರೆ. ಅವರನ್ನು ನಾವು ಕೇಳುವುದು ಇಷ್ಟು: ಕೇರಿಗೆ ಕತ್ತಲಾಗುವ ಹೊತ್ತಿಗೆ ಹೋಗಿ, ಕೂಲಿಗೆ ಹೋದವರು ಮನೆಗೆ ಬಂದಿರುತ್ತಾರೆ. ಊರಿನ ಯಜಮಾನನ ಜಗಲಿಯ ಮೇಲೆ ಕೂತು ಕೇರಿಯ ಮನೆಗಳನ್ನು ತುಂಬಬೇಡಿ. ಜಾತಿ ಕೇಳುವಾಗ ಪಕ್ಕದಲ್ಲಿ ಯಾರು ನಿಂತಿದ್ದಾರೆ ನೋಡಿಕೊಳ್ಳಿ. ಬರೆದುಕೊಂಡದ್ದನ್ನು ಎದ್ದು ಬರುವ ಮುಂಚೆ ಮನೆಯವರಿಗೆ ಒಂದು ಸಲ ಗಟ್ಟಿಯಾಗಿ ಓದಿ ಹೇಳಿ.