ಕಸವಲ್ಲದ ಜೊಂಡು

ಕೆರೆಯಂಚಿನಲ್ಲಿ ಆಳೆತ್ತರ ಬೆಳೆದು ನಿಂತ ಜೊಂಡನ್ನು ಕಂಡಾಗ ಪಟ್ಟಣಿಗರಾದ ನಮಗೆ ಹೊಳೆಯುವುದು ಒಂದೇ ಯೋಚನೆ: ಇದನ್ನು ಕಿತ್ತು ಹಾಕಬೇಕು. ಜೊಂಡೆಂದರೆ ಸೊಳ್ಳೆ, ಹಾವು, ಕೆಸರು. ಜೊಂಡಿಲ್ಲದ ಕೆರೆಯೇ ಚೊಕ್ಕಟವಾದ ಕೆರೆ. ಹೀಗೆ ಎಣಿಸಿದವರು ನಾವಷ್ಟೇ ಅಲ್ಲ. ಯೂರೋಪಿನ ಇಂಜಿನಿಯರುಗಳೂ ಅರ್ಧ ಶತಮಾನಕ್ಕೆ ಮಿಕ್ಕು ಹಾಗೆಯೇ ಎಣಿಸಿದ್ದರು. ಕೊಳಚೆ ನೀರನ್ನು ಶುದ್ಧಿಗೊಳಿಸುವ ತಮ್ಮ ಆವರಣಗಳಲ್ಲಿ ಹಸಿರು ಕಡ್ಡಿಯೊಂದು ತಲೆಯೆತ್ತದಂತೆ ನೋಡಿಕೊಂಡಿದ್ದರು. ಆ ನಂಬಿಕೆಯನ್ನು ಅಲುಗಿಸಿದವರು ಜರ್ಮನಿಯ ಒಬ್ಬ ಮಹಿಳೆ, ಕೇಟೆ ಸೈಡೆಲ್.

ಉತ್ತರ ಜರ್ಮನಿಯ ಪ್ಲೋನ್ ಸರೋವರಗಳ ನಡುವಣ ಸಣ್ಣ ಊರು. ಅಲ್ಲಿನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯಲ್ಲಿ ಸೈಡೆಲ್ ಅವರು ಅಧ್ಯಯನಕ್ಕೆ ಎತ್ತಿಕೊಂಡದ್ದು ಸ್ಕಿರ್ಪಸ್ ಲಕುಸ್ಟ್ರಿಸ್ ಎಂದು ಆಗ ಕರೆಯುತ್ತಿದ್ದ ಜೊಂಡನ್ನು. ಜೊಂಡು ಎಂಬ ಒಂದೇ ಮಾತಿನಲ್ಲಿ ನಾವು ಹಲವು ಗಿಡಗಳನ್ನು ಅಡಗಿಸುತ್ತೇವೆ. ಕಂದುಬಣ್ಣದ ಕುಂಚ ಹೊತ್ತು ನಿಲ್ಲುವ ನಮ್ಮ ಕೆರೆಗಳ ಟೈಫಾ ಬೇರೆ, ಎಲೆಯಿಲ್ಲದ ದುಂಡನೆಯ ಕಾಂಡದ ಈ ಗಿಡ ಬೇರೆ. ಆದರೆ ಎರಡರ ಬಾಳಿನ ರೀತಿ ಒಂದೇ. ಜರ್ಮನ್ ಭಾಷೆಯಲ್ಲಿ ಇದಕ್ಕೆ ‘ಹೆಣಿಗೆಯ ಜೊಂಡು’ ಎಂದೇ ಹೆಸರು. ಚಾಪೆಗೂ ಕುರ್ಚಿಯ ಆಸನಕ್ಕೂ ಒದಗುತ್ತಿದ್ದ ಗಿಡ ಅದು. 1955ರಲ್ಲಿ ಸೈಡೆಲ್ ಈ ಗಿಡವೊಂದರ ಮೇಲೆಯೇ ಒಂದು ಗ್ರಂಥವನ್ನು ಪ್ರಕಟಿಸಿದರು.

ಅಷ್ಟು ಹೊತ್ತಿಗೆ ಅವರ ಮನಸ್ಸು ಚಾಪೆಯನ್ನು ದಾಟಿ ನೀರಿನ ಕಡೆಗೆ ಹರಿದಿತ್ತು. 1952ರಲ್ಲಿ ಅವರು ಪ್ರಯೋಗ ಆರಂಭಿಸಿದರು. ಜೊಂಡನ್ನು ಹೊಲಸು ನೀರಿನಲ್ಲಿ ನೆಟ್ಟರು. ಕಾರ್ಖಾನೆಗಳ ಫಿನಾಲ್ ಬೆರೆತ ವಿಷದ ನೀರಿನಲ್ಲಿಯೂ ನೆಟ್ಟರು. ಗಿಡ ಸಾಯಲಿಲ್ಲ, ನೀರೇ ತಿಳಿಯಾಗುತ್ತ ಬಂತು. ಹಾಲಿನ ಕಾರ್ಖಾನೆಯ ನೀರು, ದನದ ಕೊಟ್ಟಿಗೆಯ ನೀರು ಎಲ್ಲವನ್ನೂ ಅವರು ಜೊಂಡಿನ ಮುಂದೆ ಇಟ್ಟು ನೋಡಿದರು.

ಇದರ ಗುಟ್ಟೇನು? ಕೆರೆಯ ತಳದ ಕೆಸರಿನಲ್ಲಿ ಆಮ್ಲಜನಕ ಇಲ್ಲವೆನ್ನುವಷ್ಟು ಕಡಿಮೆ. ಹೊಲದ ಪೈರಿನ ಬೇರು ಅಲ್ಲಿ ಉಸಿರುಕಟ್ಟಿ ಕೊಳೆಯುತ್ತದೆ. ಜೊಂಡಿನ ಕಾಂಡವನ್ನು ಅಡ್ಡಕ್ಕೆ ಕೊಯ್ದು ನೋಡಿದರೆ ಒಳಗೆಲ್ಲ ಸಣ್ಣ ಸಣ್ಣ ಗಾಳಿಗೂಡುಗಳು. ಅವುಗಳ ಮೂಲಕ ಮೇಲಿನ ಗಾಳಿ ಬೇರಿಗೆ ಇಳಿಯುತ್ತದೆ, ಬೇರಿನಿಂದ ಸ್ವಲ್ಪ ಸುತ್ತಣ ಕೆಸರಿಗೂ ಸೋರುತ್ತದೆ. ಅಲ್ಲಿ ನೆಲೆನಿಂತ ಸೂಕ್ಷ್ಮಜೀವಿಗಳು ಹೊಲಸನ್ನು ಅರಗಿಸಿ, ಅಮೋನಿಯವನ್ನು ನೈಟ್ರೇಟಾಗಿ ಮಾರ್ಪಡಿಸುತ್ತವೆ. ಅದರಾಚೆ, ಗಾಳಿಯಿಲ್ಲದ ಕೆಸರಿನಲ್ಲಿ ಬೇರೆ ಸೂಕ್ಷ್ಮಜೀವಿಗಳು ಆ ನೈಟ್ರೇಟನ್ನು ನೈಟ್ರೋಜನ್ ಅನಿಲವಾಗಿಸಿ ಆಕಾಶಕ್ಕೆ ಬಿಡುತ್ತವೆ.

ಇಂಜಿನಿಯರುಗಳು ಇದನ್ನು ಸುಲಭವಾಗಿ ಒಪ್ಪಲಿಲ್ಲ. ಗಿಡ ನೆಟ್ಟು ಚರಂಡಿ ನೀರು ತೊಳೆಯುವುದುಂಟೆ ಎಂಬ ಅನುಮಾನ ಅವರದು. ಆದರೂ ವಿಚಾರ ಬೇರೂರಿತು. 1967ರಲ್ಲಿ ನೆದರ್ಲೆಂಡಿನವರು, ಸಮುದ್ರದಿಂದ ಗೆದ್ದುಕೊಂಡ ಫ್ಲೆವೊಲೆಂಡ್ ನೆಲದಲ್ಲಿ, ಪ್ರವಾಸಿಗಳ ಬಿಡಾರವೊಂದರ ಕೊಳಚೆಗಾಗಿ ನಕ್ಷತ್ರಾಕಾರದ ಜೌಗನ್ನು ಕಟ್ಟಿದರು. 1974ರಲ್ಲಿ ಜರ್ಮನಿಯ ಓಟ್‌ಫ್ರೆಸೆನ್ ಊರಿನ ಕೊಳಚೆಯನ್ನು ಬೇರುಗಳ ಹಾಸಿನ ಮೂಲಕ ಹಾಯಿಸಿದರು. ಇಂದು ಇಂಥ ಕಟ್ಟಿದ ಜೌಗುಗಳು ಅನೇಕ ದೇಶಗಳಲ್ಲಿವೆ.

ಮುಂದಿನ ಸಂಶೋಧನೆ ಸೈಡೆಲ್ ಅವರ ಮಾತನ್ನು ತುಸು ತಿದ್ದಿದ್ದೂ ಉಂಟು. ಗಿಡ ತಾನೇ ಹೀರುವುದು ಕಡಿಮೆ, ದುಡಿಮೆಯ ಹೆಚ್ಚು ಪಾಲು ಸೂಕ್ಷ್ಮಜೀವಿಗಳದ್ದು ಎಂದು ತಿಳಿದುಬಂತು. ಆದರೇನು, ಅವಕ್ಕೆ ಮನೆಯನ್ನೂ ಗಾಳಿಯನ್ನೂ ಒದಗಿಸುವುದು ಜೊಂಡೇ ತಾನೆ? ಆ ಮನೆಯಲ್ಲಿ ಬಾಡಿಗೆಯಿಲ್ಲದೆ ವಾಸಿಸುವವರು ಇನ್ನೂ ಅನೇಕರು. ಮೀನಿನ ಮರಿಗಳು ಕಾಂಡಗಳ ಸಂದಿಯಲ್ಲಿ ಅಡಗುತ್ತವೆ. ನೀರುಕೋಳಿ ಅಲ್ಲಿಯೇ ಗೂಡು ಹೂಡುತ್ತದೆ. ಗೀಜಗಗಳಲ್ಲೊಂದು ಜಾತಿ ಜೊಂಡಿಗೇ ಗೂಡು ನೇಯುತ್ತದೆ. ಅಲೆಗಳ ಬಡಿತ ಜೊಂಡಿನಲ್ಲಿಯೇ ಅಡಗಿ, ದಂಡೆಯ ಮಣ್ಣು ಉಳಿಯುತ್ತದೆ.

ಇದು ಪರದೇಶದ ಕಥೆಯಾಗಿ ಉಳಿದಿಲ್ಲ. ಬೆಂಗಳೂರಿನ ಜಕ್ಕೂರಿನಲ್ಲಿ ಶುದ್ಧೀಕರಣ ಘಟಕದಿಂದ ಹೊರಬಂದ ನೀರನ್ನು ಜೊಂಡು ಬೆಳೆದ ಜೌಗಿನ ಮೂಲಕ ಹಾಯಿಸಿ ಕೆರೆಗೆ ಬಿಟ್ಟರು. ಅದೇ ನಗರದ ಬೆಳ್ಳಂದೂರು ಕೆರೆಯಲ್ಲಿ 2015ರಲ್ಲಿ ನೊರೆಗೇ ಬೆಂಕಿ ಹತ್ತಿತು. ಊರಿನ ಹೊಲಸನ್ನೆಲ್ಲ ಹಾಗೆಯೇ ಸುರಿದರೆ ಯಾವ ಜೊಂಡೂ ಕೆರೆಯನ್ನು ಕಾಯಲಾರದು. ಕೆರೆಯ ನಡುನೀರನ್ನೂ ಮುಚ್ಚಿ ಹಬ್ಬಿದ ಜೊಂಡು ರೋಗದ ಗುರುತು. ನೀರಿಗೆ ಗೊಬ್ಬರ ಮಿತಿಮೀರಿ ಬೀಳುತ್ತಿದೆ ಎಂದು ಅದು ಸಾರುತ್ತದೆ. ಕೊಯ್ಯದೆ ಬಿಟ್ಟರೆ ಕೊಳೆತು, ಹೀರಿದ್ದನ್ನು ಕೆರೆಗೇ ಹಿಂತಿರುಗಿಸುತ್ತದೆ.

ಎಂದರೆ, ಜೊಂಡನ್ನು ಕೀಳುವುದೂ ತಪ್ಪು, ಮರೆಯುವುದೂ ತಪ್ಪು. ಕೊಯ್ಯುವವರು ಬೇಕು. ಹಿಂದೆ ಆ ಕೆಲಸ ಚಾಪೆ ಹೆಣೆಯುವವರದಾಗಿತ್ತು. ತಮ್ಮ ಹೊಟ್ಟೆಪಾಡಿಗೆಂದು ಕುಡುಗೋಲು ಹಿಡಿದು ನೀರಿಗಿಳಿಯುತ್ತಿದ್ದ ಅವರು, ಕೊಯ್ದ ಪ್ರತಿ ಹೊರೆಯೊಡನೆ ಕೆರೆಯ ಹೊರೆಯನ್ನೂ ಇಷ್ಟಿಷ್ಟು ಇಳಿಸುತ್ತಿದ್ದರು. ಚಾಪೆ ಪ್ಲಾಸ್ಟಿಕ್ಕಿನದಾಯಿತು, ಕುಡುಗೋಲು ಮೂಲೆ ಸೇರಿತು. ಈಗ ನಾವು ಯಂತ್ರ ತಂದು, ಜೊಂಡನ್ನು ಬೇರುಸಹಿತ ಕೆದಕಿ, ದಂಡೆಗೆ ಕಲ್ಲು ಹಾಸಿ, ಅದರ ಮೇಲೆ ವಾಯುಸೇವನೆಗೆ ಹೊರಡುತ್ತೇವೆ; ಮೂಗಿಗೆ ಕರವಸ್ತ್ರ ಹಿಡಿದುಕೊಂಡು.