ಹುಬ್ಬಳ್ಳಿ-ಧಾರವಾಡದಲ್ಲಿ 1920ರ ಚುನಾವಣೆ

ಚುನಾವಣೆಯೆಂದರೆ ಉಮೇದುವಾರರ ನಡುವಣ ಸ್ಪರ್ಧೆಯೆಂದು ನಾವು ಸಾಮಾನ್ಯವಾಗಿ ಭಾವಿಸುತ್ತೇವೆ. ಯಾರು ನಿಂತರು, ಯಾರು ಗೆದ್ದರು, ಎಷ್ಟು ಮತಗಳ ಅಂತರದಿಂದ ಗೆದ್ದರು ಎಂಬುದನ್ನು ತಿಳಿದರೆ ಚುನಾವಣೆಯ ಇತಿಹಾಸ ಮುಗಿಯಿತೆಂದು ತೃಪ್ತಿಪಡುತ್ತೇವೆ. ಆದರೆ ಇದಕ್ಕೂ ಮೊದಲು ಕೇಳಬೇಕಾದ ಪ್ರಶ್ನೆಗಳೆರಡುಂಟು. ಮತ ಕೊಡುವ ಅಧಿಕಾರ ಯಾರಿಗಿತ್ತು? ಅಧಿಕಾರವಿದ್ದವರು ಅದನ್ನು ಬಳಸುವುದು ಧರ್ಮವೋ, ಬಳಸದಿರುವುದು ಧರ್ಮವೋ? 1920ರ ನವೆಂಬರಿನಲ್ಲಿ ಮುಂಬಯಿ ಪ್ರಾಂತದ ಶಾಸನಸಭೆಗೆ ನಡೆದ ಚುನಾವಣೆಯಲ್ಲಿ ಹುಬ್ಬಳ್ಳಿ-ಧಾರವಾಡದ ಜನರು ಎದುರಿಸಿದುದು ಈ ಎರಡು ಪ್ರಶ್ನೆಗಳನ್ನು. ಅಲ್ಲಿ ನಿಜವಾಗಿ ಸ್ಪರ್ಧಿಸಿದವು ಎರಡು ಉತ್ತರಗಳು. ಒಂದು ಪಕ್ಷವು ಸಭೆಯೊಳಕ್ಕೆ ಹೋಗಬೇಕೆಂದಿತು. ಮತ್ತೊಂದು ಪಕ್ಷವು ಅದರ ಬಾಗಿಲನ್ನೇ ತುಳಿಯಬಾರದೆಂದಿತು.

ಮೊದಲು ಆ ಸಭೆಯ ಸ್ವರೂಪವನ್ನು ತಿಳಿಯುವುದು ಅವಶ್ಯಕ. ಆ ಕಾಲದಲ್ಲಿ ಧಾರವಾಡ, ಬೆಳಗಾವಿ, ವಿಜಾಪುರ ಮತ್ತು ಉತ್ತರ ಕನ್ನಡ ಜಿಲ್ಲೆಗಳು ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಗುಜರಾತ, ಮಹಾರಾಷ್ಟ್ರ, ಸಿಂಧ ಇವುಗಳ ಜೊತೆಗೆ ಕರ್ನಾಟಕದ ಈ ಭಾಗವು ಪ್ರಾಂತದ ದಕ್ಷಿಣದ ಮೂಲೆಯಾಗಿತ್ತು. ಮಾಂಟೇಗ್ಯೂ ಮತ್ತು ಚೆಮ್ಸ್‌ಫರ್ಡ್ ಎಂಬವರ ಹೆಸರಿನಿಂದ ಪ್ರಸಿದ್ಧವಾದ 1919ರ ಸುಧಾರಣೆಯು ಪ್ರಾಂತಗಳ ಆಡಳಿತವನ್ನು ಇಬ್ಭಾಗ ಮಾಡಿತು. ಶಿಕ್ಷಣ, ಆರೋಗ್ಯ, ಸ್ಥಳೀಯ ಸಂಸ್ಥೆಗಳು, ಅಬಕಾರಿ ಮುಂತಾದವು ಶಾಸನಸಭೆಗೆ ಹೊಣೆಯಾದ ಮಂತ್ರಿಗಳ ಕೈಗೆ ಬಂದವು. ಪೋಲೀಸು, ನ್ಯಾಯ, ಭೂಕಂದಾಯಗಳು ಗವರ್ನರರ ಕೈಯಲ್ಲಿಯೇ ಉಳಿದವು. ಇದಕ್ಕೆ ದ್ವಿಪ್ರಭುತ್ವವೆಂದು ಹೆಸರಾಯಿತು.

ಇನ್ನು ಮತದಾರರು ಯಾರು? ಮುಂಬಯಿ ಪ್ರಾಂತದ ಬಹುಭಾಗದಲ್ಲಿ, ಹಳ್ಳಿಗಾಡಿನವನು ಮತದಾರನಾಗಬೇಕಾದರೆ 32 ರೂಪಾಯಿಗಳ ಕಂದಾಯದ ಭೂಮಿಯುಳ್ಳವನಾಗಿರಬೇಕಿತ್ತು. ಪಟ್ಟಣಗಳಲ್ಲಿ ಮನೆಯ ಬಾಡಿಗೆಯ ಬೆಲೆ ಅಥವಾ ವರಮಾನ ತೆರಿಗೆಯು ಯೋಗ್ಯತೆಯ ಅಳತೆಯಾಗಿತ್ತು. ಬ್ರಿಟಿಷ್ ಹಿಂದೂಸ್ಥಾನದ ಸುಮಾರು 24 ಕೋಟಿ ಜನರಲ್ಲಿ ಪ್ರಾಂತಸಭೆಗಳಿಗೆ ಮತ ಕೊಡಬಲ್ಲವರು ಸುಮಾರು 50 ಲಕ್ಷ, ಎಂದರೆ ನೂರಕ್ಕೆ ಇಬ್ಬರು. ಕೂಲಿಕಾರನಿಗೆ ಮತವಿರಲಿಲ್ಲ, ಬಡ ರೈತನಿಗೆ ಇರಲಿಲ್ಲ, ಅಸ್ಪೃಶ್ಯರೆನಿಸಿಕೊಂಡವರಲ್ಲಿ ಬಹುತೇಕ ಯಾರಿಗೂ ಇರಲಿಲ್ಲ. ಸ್ತ್ರೀಯರಿಗಂತೂ ಆ ಚುನಾವಣೆಯಲ್ಲಿ ಸ್ಥಾನವೇ ಇಲ್ಲ. ಅದೇ ನವೆಂಬರಿನಲ್ಲಿ ಅಮೆರಿಕದ ಸ್ತ್ರೀಯರು ತಮ್ಮ ಸಂವಿಧಾನದ 19ನೆಯ ತಿದ್ದುಪಡಿಯ ಬಲದಿಂದ ರಾಷ್ಟ್ರಾಧ್ಯಕ್ಷರ ಚುನಾವಣೆಯಲ್ಲಿ ಮತ ಕೊಟ್ಟರೆಂಬುದನ್ನು ನೆನೆದರೆ ಈ ಕೊರತೆ ಇನ್ನಷ್ಟು ಸ್ಪಷ್ಟವಾಗುತ್ತದೆ. ಈ ಲೆಕ್ಕವನ್ನು ಶ್ರೋತೃಗಳು ಮನಸ್ಸಿನಲ್ಲಿಟ್ಟಿರಬೇಕು. ಮುಂದಿನ ವಾದವೆಲ್ಲವೂ ಪ್ರಜೆಗಳ ಹೆಸರಿನಲ್ಲಿ ನಡೆದುದಾದರೂ ಆ ಪ್ರಜೆಗಳಲ್ಲಿ ನೂರಕ್ಕೆ ತೊಂಬತ್ತೆಂಟು ಮಂದಿ ಹೊರಗೇ ನಿಂತಿದ್ದರು.

ಹುಬ್ಬಳ್ಳಿ ಮತ್ತು ಧಾರವಾಡಗಳು ಹನ್ನೆರಡು ಮೈಲಿಗಳ ಅಂತರದಲ್ಲಿರುವ ಊರುಗಳಾದರೂ ಅವುಗಳ ಗುಣ ಬೇರೆಬೇರೆ. ಹುಬ್ಬಳ್ಳಿ ಅರಳೆಯ ಪೇಟೆ, ರೈಲ್ವೆ ಕಾರ್ಖಾನೆ, ವ್ಯಾಪಾರಗಳ ಊರು. ಧಾರವಾಡ ಕಚೇರಿ, ಕೋರ್ಟು, ಶಾಲೆಗಳ ಊರು. 1890ರಲ್ಲಿ ಕರ್ನಾಟಕ ವಿದ್ಯಾವರ್ಧಕ ಸಂಘವು ಹುಟ್ಟಿದುದೂ, 1917ರಲ್ಲಿ ಕರ್ನಾಟಕ ಕಾಲೇಜು ಪ್ರಾರಂಭವಾದುದೂ ಧಾರವಾಡದಲ್ಲಿ. ಅಲ್ಲಿಯ ರಾಷ್ಟ್ರೀಯ ಪಕ್ಷದ ವಿದ್ಯಾವಂತರು ಬಹಳ ಮಟ್ಟಿಗೆ ಲೋಕಮಾನ್ಯ ತಿಲಕರ ಅನುಯಾಯಿಗಳು. ಆಲೂರು ವೆಂಕಟರಾಯರು ಕರ್ನಾಟಕದ ಏಕೀಕರಣವನ್ನೇ ಜೀವನದ ವ್ರತವನ್ನಾಗಿ ಮಾಡಿಕೊಂಡಿದ್ದರು. 1920ರಲ್ಲಿ ಧಾರವಾಡದಲ್ಲಿ ಕೂಡಿದ ಕರ್ನಾಟಕ ರಾಜಕೀಯ ಪರಿಷತ್ತಿಗೆ ಮೈಸೂರಿನ ದಿವಾನರಾಗಿದ್ದ ವಿ. ಪಿ. ಮಾಧವರಾಯರು ಅಧ್ಯಕ್ಷರಾಗಿದ್ದರು.

ಈ ಪಕ್ಷವು ಮೊದಲಿನಿಂದಲೂ ಸಭಾಬಹಿಷ್ಕಾರದ ಪಕ್ಷವಾಗಿರಲಿಲ್ಲ. 1920ರ ಏಪ್ರಿಲಿನಲ್ಲಿ ತಿಲಕರೇ ಕಾಂಗ್ರೆಸ್ ಪ್ರಜಾಸತ್ತಾಕ ಪಕ್ಷವೆಂಬುದನ್ನು ಸ್ಥಾಪಿಸಿ, ಚುನಾವಣೆಗೆ ನಿಲ್ಲುವ ಸಂಕಲ್ಪವನ್ನು ಪ್ರಕಟಿಸಿದ್ದರು. ಸುಧಾರಣೆಯು ಸಾಲದು, ಆದರೂ ದೊರೆತಷ್ಟನ್ನು ಹಿಡಿದು ಉಳಿದುದಕ್ಕಾಗಿ ಹೋರಾಡಬೇಕೆಂಬುದು ಅವರ ನೀತಿ.

ಎರಡನೆಯ ಪಕ್ಷ ಬ್ರಾಹ್ಮಣೇತರರದು. ಅದರ ನಾಯಕರು ಹುಬ್ಬಳ್ಳಿಯ ವಕೀಲರಾದ ಸಿದ್ದಪ್ಪ ತೋಟಪ್ಪ ಕಂಬಳಿಯವರು. ಶಾಲೆ, ನೌಕರಿ, ವಕೀಲಿ, ಪತ್ರಿಕೆ ಎಲ್ಲವೂ ಒಂದೇ ಸಮಾಜದ ಕೈಯಲ್ಲಿರುವಾಗ ಸ್ವರಾಜ್ಯವು ಯಾರ ರಾಜ್ಯವಾದೀತು ಎಂಬುದು ಈ ಪಕ್ಷದ ಪ್ರಶ್ನೆ. ಮೈಸೂರು ಸೀಮೆಯಲ್ಲಿ 1917ರಲ್ಲಿ ಪ್ರಜಾಮಿತ್ರ ಮಂಡಳಿಯು ಎತ್ತಿದ, 1918ರಲ್ಲಿ ನೇಮಕವಾದ ಮಿಲ್ಲರ್ ಸಮಿತಿಯು ವಿಚಾರಿಸಿದ ಪ್ರಶ್ನೆಯೂ ಇದೇ. ಮದರಾಸಿನಲ್ಲಿ ಇದರಿಂದಲೇ ಜಸ್ಟಿಸ್ ಪಕ್ಷವು ಬೆಳೆಯಿತು. ಹೊಸ ಕಾಯಿದೆಯು ಮುಂಬಯಿ ಸಭೆಯಲ್ಲಿ ಮರಾಠರಿಗೆ ಏಳು ಸ್ಥಾನಗಳನ್ನು ಕಾಯ್ದಿರಿಸಿತು. ಲಿಂಗಾಯತರು ಕೇಳಿದ ರಕ್ಷಣೆ ಅವರಿಗೆ ದೊರೆಯಲಿಲ್ಲ. ಆದುದರಿಂದ ಅವರಿಗೆ ಉಳಿದ ದಾರಿ ಒಂದೇ: ಮತದಾರರನ್ನು ಕೂಡಿಸಿ ಗೆಲ್ಲುವುದು. ಇವರ ಜೊತೆಗೆ, 1918ರಲ್ಲಿ ಕಾಂಗ್ರೆಸಿನಿಂದ ಬೇರೆಯಾದ ಮಂದಗಾಮಿಗಳೂ ಸುಧಾರಣೆಯನ್ನು ನಡೆಸಿ ನೋಡಬೇಕೆನ್ನುವವರಾಗಿದ್ದರು.

1920ರ ಬೇಸಗೆಯಿಂದ ನವೆಂಬರಿನವರೆಗೆ ಘಟನೆಗಳು ಒಂದರ ಬೆನ್ನಿಗೊಂದು ಬಂದವು. ಜುಲೈ ತಿಂಗಳ ಕೊನೆಯಲ್ಲಿ ಹುಬ್ಬಳ್ಳಿಯಲ್ಲಿ ಬ್ರಾಹ್ಮಣೇತರ ಪರಿಷತ್ತು ಕೂಡಿತು. ಕೊಲ್ಲಾಪುರದ ಶಾಹು ಮಹಾರಾಜರು ಅಲ್ಲಿಗೆ ಬಂದು ಭಾಷಣ ಮಾಡಿದರು. ಅದಾದ ಕೆಲವೇ ದಿನಗಳಲ್ಲಿ, ಆಗಸ್ಟ್ 1ರಂದು, ತಿಲಕರು ಮುಂಬಯಿಯಲ್ಲಿ ದೇಹವನ್ನು ಬಿಟ್ಟರು. ಸಪ್ಟಂಬರಿನಲ್ಲಿ ಕಲ್ಕತ್ತೆಯಲ್ಲಿ ಕೂಡಿದ ವಿಶೇಷ ಕಾಂಗ್ರೆಸು ಗಾಂಧೀಜಿಯವರ ಅಸಹಕಾರವನ್ನು ಅಂಗೀಕರಿಸಿ, ಶಾಸನಸಭೆಗಳನ್ನು ಬಹಿಷ್ಕರಿಸಬೇಕೆಂದು ನಿರ್ಣಯಿಸಿತು. ತಿಲಕರ ಪಕ್ಷದವರು ಚುನಾವಣೆಯ ಸಿದ್ಧತೆಯನ್ನು ಕೈಬಿಟ್ಟರು. ತಿಲಕರ ಬಲಗೈಯಂತಿದ್ದ ಬೆಳಗಾವಿಯ ಗಂಗಾಧರರಾವ ದೇಶಪಾಂಡೆಯವರು ಗಾಂಧೀಜಿಯವರ ಅನುಯಾಯಿಗಳಾದರು. ನವೆಂಬರಿನಲ್ಲಿ, ಚುನಾವಣೆಯ ಹೊಸ್ತಿಲಿನಲ್ಲಿಯೇ, ಗಾಂಧೀಜಿಯವರು ನಿಪ್ಪಾಣಿ, ಬೆಳಗಾವಿ, ಧಾರವಾಡಗಳ ಕಡೆಗೆ ಬಂದರು. ಬ್ರಾಹ್ಮಣ-ಬ್ರಾಹ್ಮಣೇತರ ವಿವಾದವು ಈ ಸೀಮೆಯಲ್ಲಿ ಎಷ್ಟು ಕಹಿಯಾಗಿದೆಯೆಂಬುದನ್ನು ಅವರು ಆ ಪ್ರವಾಸದಲ್ಲಿ ಕಣ್ಣಾರೆ ಕಂಡರು.

ಎರಡು ವಾದಗಳನ್ನೂ ನ್ಯಾಯವಾಗಿ ತೂಗಬೇಕು. ಬಹಿಷ್ಕಾರದವರು ಹೇಳಿದುದು ಇದು: ಜಲಿಯನ್‌ವಾಲಾಬಾಗಿನ ರಕ್ತ ಒಣಗುವ ಮೊದಲೇ ಅದೇ ಸರಕಾರವು ಕೊಟ್ಟ ಕುರ್ಚಿಯಲ್ಲಿ ಕುಳಿತರೆ ನಾವು ಆ ಕೃತ್ಯಕ್ಕೆ ಒಪ್ಪಿಗೆಯಿತ್ತಂತಾಗುತ್ತದೆ. ಬ್ರಾಹ್ಮಣೇತರರ ಉತ್ತರ ಇದು: ಶಾಲೆಯನ್ನೂ ಕಚೇರಿಯನ್ನೂ ಎರಡು ತಲೆಮಾರು ಅನುಭವಿಸಿದವನಿಗೆ ಅವುಗಳನ್ನು ತ್ಯಜಿಸುವುದು ತ್ಯಾಗ, ಅವುಗಳ ಬಾಗಿಲಿಗೆ ಈಗ ತಾನೆ ಬಂದು ನಿಂತವನಿಗೆ ತ್ಯಜಿಸಲು ಏನಿದೆ? ಒಂದು ವಾದವು ದೇಶದ ಮಾನದ ಮೇಲೆ ನಿಂತಿತ್ತು. ಇನ್ನೊಂದು ಮನೆಯ ಮಕ್ಕಳ ಭವಿಷ್ಯದ ಮೇಲೆ. ಇವುಗಳಲ್ಲಿ ಒಂದನ್ನು ದೇಶದ್ರೋಹವೆಂದೂ ಇನ್ನೊಂದನ್ನು ಜಾತಿಸ್ವಾರ್ಥವೆಂದೂ ಪರಸ್ಪರ ಜರೆದುಕೊಂಡುದು ಆ ಕಾಲದ ದುರ್ದೈವ.

ಬಹಿಷ್ಕಾರದಿಂದ ಚುನಾವಣೆ ನಿಲ್ಲಲಿಲ್ಲ. ಮಂದಗಾಮಿಗಳೂ ಬ್ರಾಹ್ಮಣೇತರರೂ ಸಭೆಯೊಳಕ್ಕೆ ಹೋದರು. ಅದರ ಮೊದಲ ಅಧ್ಯಕ್ಷರಾದ ಸರ್ ನಾರಾಯಣ ಚಂದಾವರಕರರು ಹೊನ್ನಾವರದಲ್ಲಿ ಹುಟ್ಟಿದವರು. ಆ ಸಭೆಯು ಕೇವಲ ಆಟಿಕೆಯಾಗಿರಲಿಲ್ಲವೆಂಬುದಕ್ಕೆ ಅದರ ಕೆಲಸವೇ ಸಾಕ್ಷಿ. 1921ರಲ್ಲಿಯೇ ಅದು ಸ್ತ್ರೀಯರಿಗೆ ಮತವನ್ನು ಕೊಡಬೇಕೆಂದು ನಿರ್ಣಯಿಸಿತು. 1923ರಲ್ಲಿ ಕಡ್ಡಾಯದ ಪ್ರಾಥಮಿಕ ಶಿಕ್ಷಣಕ್ಕೆ ಅವಕಾಶ ಮಾಡಿದ ಕಾಯಿದೆ ಬಂದಿತು. ಅದೇ ವರ್ಷ ಎಸ್. ಕೆ. ಬೋಲೆಯವರ ಸೂಚನೆಯಂತೆ ಸಾರ್ವಜನಿಕ ಕೆರೆಬಾವಿಗಳು, ಶಾಲೆಗಳು, ಛತ್ರಗಳು ಅಸ್ಪೃಶ್ಯರಿಗೆ ತೆರೆದಿರಬೇಕೆಂದು ಸಭೆಯು ಗೊತ್ತುಮಾಡಿತು. 1927ರಲ್ಲಿ ಅಂಬೇಡಕರರು ಮಹಾಡದ ಕೆರೆಯ ನೀರನ್ನು ಮುಟ್ಟಿದುದು ಈ ನಿರ್ಣಯವನ್ನು ಆಧಾರವಾಗಿಟ್ಟುಕೊಂಡು.

ಆದರೆ ಹೊರಗೆ ಉಳಿದವರ ವಾದಕ್ಕೂ ಧಾರವಾಡದಲ್ಲಿಯೇ ಘೋರವಾದ ಸಾಕ್ಷ್ಯವು ದೊರೆಯಿತು. 1921ರ ಜುಲೈ 1ರಂದು ಸೆರೆಯಂಗಡಿಯ ಮುಂದಿನ ಪಿಕೆಟಿಂಗಿನ ಪ್ರಸಂಗದಲ್ಲಿ ಪೋಲೀಸರು ಗುಂಡು ಹಾರಿಸಿದರು. ಖಿಲಾಫತ್ ಚಳವಳಿಗೆ ಸೇರಿದ ಮೂವರು ಪ್ರಾಣ ಕಳೆದುಕೊಂಡರು. ದ್ವಿಪ್ರಭುತ್ವದ ಅರ್ಥವೇನೆಂಬುದು ಆ ಒಂದು ಸಂಜೆಯಲ್ಲಿ ಬಯಲಾಯಿತು. ಸೆರೆಯ ಉತ್ಪನ್ನವು ಮಂತ್ರಿಗಳ ಇಲಾಖೆಯದು. ಅವರ ಶಾಲೆಗಳಿಗೆ ಬೇಕಾದ ಹಣಕ್ಕೆ ಆ ಉತ್ಪನ್ನವೂ ಒಂದು ಆಧಾರ. ಆದರೆ ಬಂದೂಕು ಗವರ್ನರರ ಇಲಾಖೆಯದು. ಅದನ್ನು ಹಿಡಿದವನಿಗೆ ಮಂತ್ರಿಯು ಬೇಡವೆನ್ನುವಂತಿಲ್ಲ. ಅದೇ ವರ್ಷ ಧಾರವಾಡದಲ್ಲಿ ಹುಟ್ಟಿದ ‘ಕರ್ಮವೀರ’ ಪತ್ರಿಕೆಯು ರಂಗರಾವ ದಿವಾಕರರ ನೇತೃತ್ವದಲ್ಲಿ ಅಸಹಕಾರದ ಧ್ವನಿಯಾಯಿತು.

ಹೀಗೆ ಒಳಗೆ ಹೋದವರಿಗೆ ಅಧಿಕಾರದ ಅರ್ಧವೇ ದೊರೆಯಿತು. ಹೊರಗೆ ನಿಂತವರಿಗೆ ಜನರ ಅರ್ಧವೇ ದೊರೆಯಿತು. ಈ ಎರಡು ಅರ್ಧಗಳನ್ನು ಕೂಡಿಸುವ ಕೆಲಸವನ್ನು ಮಾಡಿದುದು ಕನ್ನಡ. 1920ರ ಡಿಸೆಂಬರಿನಲ್ಲಿ ನಾಗಪುರದ ಕಾಂಗ್ರೆಸು ಭಾಷಾವಾರು ಪ್ರಾಂತಗಳನ್ನು ಒಪ್ಪಿ, ಕರ್ನಾಟಕಕ್ಕೆ ತನ್ನದೇ ಪ್ರಾಂತಸಮಿತಿಯನ್ನು ಕೊಟ್ಟಿತು. 1924ರ ಡಿಸೆಂಬರಿನಲ್ಲಿ ಗಾಂಧೀಜಿಯವರ ಅಧ್ಯಕ್ಷತೆಯಲ್ಲಿ ಬೆಳಗಾವಿಯಲ್ಲಿ ಕಾಂಗ್ರೆಸು ಕೂಡಿದಾಗ, ಅದರ ಪಕ್ಕದಲ್ಲಿಯೇ ಮೊದಲ ಕರ್ನಾಟಕ ಏಕೀಕರಣ ಪರಿಷತ್ತೂ ಕೂಡಿತು. ಆ ಪರಿಷತ್ತಿನ ಅಧ್ಯಕ್ಷರು ಬೇರೆ ಯಾರೂ ಅಲ್ಲ, ಬ್ರಾಹ್ಮಣೇತರ ಪಕ್ಷದ ಸಿದ್ದಪ್ಪ ಕಂಬಳಿಯವರೇ. ನಾಲ್ಕು ವರ್ಷಗಳ ಹಿಂದೆ ಮತಪೆಟ್ಟಿಗೆಯ ಎರಡು ಕಡೆಗಳಲ್ಲಿ ನಿಂತವರು ನಾಡಿನ ಪ್ರಶ್ನೆಯಲ್ಲಿ ಒಂದೇ ವೇದಿಕೆಗೆ ಬಂದರು.

ಮುಂದಿನ ಸಂಗತಿಗಳನ್ನು ಸಂಕ್ಷೇಪವಾಗಿ ಹೇಳಬಹುದು. 1923ರಲ್ಲಿ ಕಾಂಗ್ರೆಸಿನವರಲ್ಲಿಯೇ ಒಂದು ಭಾಗವು ಸ್ವರಾಜ್ಯ ಪಕ್ಷವಾಗಿ ಸಭೆಗಳನ್ನು ಪ್ರವೇಶಿಸಿತು. ಎಂದರೆ ತಿಲಕರ ಹಳೆಯ ನೀತಿಯೇ ಬೇರೆ ರೂಪದಲ್ಲಿ ಮರಳಿತು. ಕಂಬಳಿಯವರು 1930ರ ನಂತರ ಮುಂಬಯಿ ಸರಕಾರದ ಮಂತ್ರಿಗಳಾದರು. 1930ರ ಉಪ್ಪಿನ ಸತ್ಯಾಗ್ರಹದಿಂದ ಮೊದಲುಗೊಂಡು ಬ್ರಾಹ್ಮಣೇತರ ಸಮಾಜಗಳ ತರುಣರು ಹೆಚ್ಚುಹೆಚ್ಚಾಗಿ ಕಾಂಗ್ರೆಸಿಗೆ ಬಂದರು. 1935ರ ಕಾಯಿದೆಯು ದೇಶದ ಮತದಾರರ ಸಂಖ್ಯೆಯನ್ನು ಸುಮಾರು ಮೂರು ಕೋಟಿಗೆ ಏರಿಸಿತು. ಅದರ ಪ್ರಕಾರ 1937ರಲ್ಲಿ ನಡೆದ ಚುನಾವಣೆಯಲ್ಲಿ ಮುಂಬಯಿಯ 175 ಸ್ಥಾನಗಳ ಸಭೆಯಲ್ಲಿ ಕಾಂಗ್ರೆಸು ಎಲ್ಲಕ್ಕಿಂತ ದೊಡ್ಡ ಪಕ್ಷವಾಯಿತು. ಸರ್ ಧನಜಿಶಾ ಕೂಪರರ ಅಲ್ಪಾಯುಷ್ಯದ ಮಂತ್ರಿಮಂಡಲದಲ್ಲಿ ಕಂಬಳಿಯವರೂ ಇದ್ದರು. ಜುಲೈಯಲ್ಲಿ ಅದು ಇಳಿದು ಬಾಳಾಸಾಹೇಬ ಖೇರರ ಕಾಂಗ್ರೆಸ್ ಮಂತ್ರಿಮಂಡಲವು ಬಂದಿತು. ಹದಿನೇಳು ವರ್ಷಗಳ ಹಿಂದೆ ಬಾಗಿಲನ್ನು ತುಳಿಯಬಾರದೆಂದ ಪಕ್ಷವೇ ಮನೆಯ ಯಜಮಾನಿಕೆಯನ್ನು ವಹಿಸಿತು.

ಹಾಗಾದರೆ 1920ರಲ್ಲಿ ಯಾರು ಸರಿ? ಗೆದ್ದವರು ಸರಿಯೆಂಬ ಸುಲಭದ ತೀರ್ಪನ್ನು ಇತಿಹಾಸವು ಇಲ್ಲಿ ಕೊಡುವುದಿಲ್ಲ. ಸ್ವಾತಂತ್ರ್ಯವಿಲ್ಲದ ಪ್ರಾತಿನಿಧ್ಯವು ಎಷ್ಟು ದುರ್ಬಲವೆಂಬುದನ್ನು ಅಸಹಕಾರದವರು ತೋರಿಸಿದರು; ಪ್ರಾತಿನಿಧ್ಯವಿಲ್ಲದ ಸ್ವಾತಂತ್ರ್ಯವು ಎಷ್ಟು ಸಂಕುಚಿತವಾಗಬಲ್ಲುದೆಂಬುದನ್ನು ಬ್ರಾಹ್ಮಣೇತರರು ಎಚ್ಚರಿಸಿದರು. ಇಬ್ಬರೂ ತಮ್ಮ ಎದುರಾಳಿಯನ್ನು ಕಂಡಷ್ಟು ಸ್ಪಷ್ಟವಾಗಿ, ಮತವೇ ಇಲ್ಲದ ಕೋಟ್ಯಂತರ ಜನರನ್ನು ಕಾಣಲಿಲ್ಲ. ಆ ಜನರ ಕೈಗೆ ಮತವು ಬಂದುದು 1950ರ ಸಂವಿಧಾನದಿಂದ. 1951-52ರ ಮಹಾಚುನಾವಣೆಯಲ್ಲಿ ಧಾರವಾಡ ಜಿಲ್ಲೆಯ ಕೂಲಿಕಾರ ಹೆಣ್ಣುಮಗಳ ಮತಕ್ಕೂ 32 ರೂಪಾಯಿ ಕಂದಾಯ ಕೊಡುತ್ತಿದ್ದ ಗೌಡರ ಮತಕ್ಕೂ ಒಂದೇ ತೂಕವಾಯಿತು. 1956ರ ನವೆಂಬರ್ 1ರಂದು ಹುಬ್ಬಳ್ಳಿ-ಧಾರವಾಡಗಳು ವಿಶಾಲ ಮೈಸೂರು ರಾಜ್ಯವನ್ನು ಸೇರಿದವು. 1920ರಲ್ಲಿ ಎರಡು ಪಕ್ಷಗಳೂ ತಮ್ಮತಮ್ಮ ರೀತಿಯಲ್ಲಿ ಬಯಸಿದುದು ಹೀಗೆ ಕೈಗೂಡಿತು. ಆ ಚುನಾವಣೆಯ ಜಯಾಪಜಯಗಳನ್ನು ಊರು ಮರೆತಿರಬಹುದು. ಆಗ ಅದು ಎತ್ತಿದ ಪ್ರಶ್ನೆಯನ್ನು ಮಾತ್ರ ಮತ ಕೊಡುವ ಯಾವ ನಾಗರಿಕನೂ ಮರೆಯುವಂತಿಲ್ಲ.