ಬಾಕಡಾ, ಬೆಂಚು ಮತ್ತು ಬ್ಯಾಂಕು

ಮುಲುಂಡಿನ ನಮ್ಮ ಹಳೆಯ ಬಿಲ್ಡಿಂಗು ಅಂತೂ ಇಂತೂ ರೀಡೆವಲಪ್‌ಮೆಂಟಿಗೆ ಹೋಯಿತು. ಮೂರು ವರ್ಷದ ಮಟ್ಟಿಗೆ ಬಾಡಿಗೆ ಮನೆಗೆ ಹೋಗಬೇಕು. ಇಷ್ಟು ವರ್ಷ ಕೂಡಿಹಾಕಿದ ಸಾಮಾನಿನಲ್ಲಿ ಯಾವುದು ಇರಲಿ, ಯಾವುದು ಹೋಗಲಿ ಅಂತ ಮನೆಯಲ್ಲಿ ದಿನಾ ಒಂದು ಪಂಚಾಯ್ತಿ. ನನ್ನ ಬಿ.ಕಾಂ ಪುಸ್ತಕಗಳು ಹೋದವು, ಹೆಂಡತಿಯ ಹಿತ್ತಾಳೆ ಹಂಡೆ ಉಳಿಯಿತು (ಯಾರ ಮಾತು ನಡೆಯಿತು ಅಂತ ಬೇರೆ ಹೇಳಬೇಕಾಗಿಲ್ಲ). ಕೊನೆಗೆ ತೀರ್ಮಾನವಾಗದೆ ಉಳಿದದ್ದು ಗ್ಯಾಲರಿಯ ಉದ್ದನೆಯ ಮರದ ಬೆಂಚು.

ಅದಕ್ಕೊಂದು ಕತೆ ಇದೆ. ನಾನು 1990ರಲ್ಲಿ ಕುಂದಾಪುರದ ಕಡೆಯಿಂದ ಮುಂಬಯಿಗೆ ಬಂದಾಗ ಎರಡು ಹೊತ್ತು ಊಟ ಮಾಡುತ್ತಿದ್ದದ್ದು ಸ್ಟೇಷನ್ ಹತ್ತಿರದ, ನಮ್ಮೂರಿನವರದೇ ಒಂದು ಹೋಟೆಲಿನಲ್ಲಿ. ಎಂಟು ವರ್ಷದ ಮೇಲೆ ಆ ಹೋಟೆಲು ಮುಚ್ಚಿತು. ಮೇಜು, ಕುರ್ಚಿ, ಪಾತ್ರೆ ಎಲ್ಲ ಮಾರುತ್ತಿದ್ದಾಗ ಹೋಗಿ, ನಾನು ಕೂರುತ್ತಿದ್ದ ಬೆಂಚನ್ನು 250 ರೂಪಾಯಿ ಕೊಟ್ಟು ತಂದೆ. ರಿಕ್ಷಾದಲ್ಲಿ ಹಿಡಿಸಲಿಲ್ಲ, ಕೈಗಾಡಿಯಲ್ಲಿ ಬಂತು.

ಭಂಗಾರ್‌ವಾಲಾ ಬಂದವನು ಅದನ್ನು ಎರಡು ಸಲ ತಟ್ಟಿ ನೋಡಿದ. "ಇಸ್ ಬಾಕಡೇ ಕಾ ತೀನ್ ಸೌ" ಅಂದ.

ಬಾಕಡಾ! ಮೂವತ್ತೈದು ವರ್ಷದಿಂದ ಕಿವಿಗೆ ಬೀಳುತ್ತಿರುವ ಮಾತು. ಪ್ಲಾಟ್‌ಫಾರ್ಮಿನ ಬಾಕಡಾ, ಗಾರ್ಡನ್ನಿನ ಬಾಕಡಾ. ಎಲ್ಲಿಂದ ಬಂತು ಅಂತ ಒಂದು ದಿನವೂ ಕೇಳಿಕೊಂಡಿರಲಿಲ್ಲ. ಕೆಳಗಿನ ಮನೆಯ ನಿವೃತ್ತ ಮರಾಠಿ ಮಾಸ್ತರರು ಬಾಗಿಲಲ್ಲೇ ನಿಂತಿದ್ದರು. ಅವರನ್ನು ಕೇಳಿದೆ. "ಬಾಕ್ ಅಂದರೆ ಬೆಂಚು, ಬಾಕಡಾ ಅದರದೇ ಆಡುರೂಪ. ಮೂಲ ಪೋರ್ಚುಗೀಸರ ಬಾಂಕೊ. ನೀವು ಬ್ಯಾಂಕಿನವರು, ನಿಮಗೆ ಗೊತ್ತಿರಬೇಕಿತ್ತು" ಅಂದು ನಕ್ಕರು. ಭಂಗಾರ್‌ವಾಲಾನಿಗೆ ನಾಳೆ ಬಾ ಅಂದೆ.

ಮಾಸ್ತರರು ಹೇಳಿದ್ದರಲ್ಲಿ ಆಶ್ಚರ್ಯವೇನಿಲ್ಲ. 1534ರಿಂದ 1661ರವರೆಗೆ ಮುಂಬಯಿಯ ದ್ವೀಪಗಳು ಪೋರ್ಚುಗೀಸರವು. ಪಕ್ಕದ ವಸಾಯಿಯನ್ನಂತೂ 1739ರಲ್ಲಿ ಚಿಮಾಜಿ ಅಪ್ಪಾ ಗೆಲ್ಲುವವರೆಗೂ ಅವರು ಬಿಟ್ಟಿರಲಿಲ್ಲ. ಅವರು ಹೋದರು, ಮಾತುಗಳು ಉಳಿದವು. ವಡಾಪಾವಿನ ಪಾವ್ ಅವರದು, ಒಳಗಿನ ಬಟಾಟೆ ಅವರದು, ಮನೆಯ ಚಾವಿ ಅವರದು, ತಿಂಗಳ ಕೊನೆಗೆ ಕಾಯುವ ಪಗಾರವೂ ಅವರದೇ. ಊರಲ್ಲಿ ನಮ್ಮ ಅಮ್ಮ ಚಾವಿ, ಬಟಾಟೆ, ಪಗಾರ ಅನ್ನುವಾಗ ಅದು ಅಚ್ಚಗನ್ನಡ ಎಂದೇ ನಾನು ತಿಳಿದಿದ್ದೆ. ಕೊಂಕಣಿಯಲ್ಲಿ ಬೆಂಚಿಗೆ ಇವತ್ತಿಗೂ ಬಾಂಕ್ ಎನ್ನುತ್ತಾರೆ. ಪೋರ್ಚುಗೀಸ್ ಭಾಷೆಯಲ್ಲಂತೂ ಬಾಂಕೊ ಅಂದರೆ ಕೂರುವ ಬೆಂಚೂ ಹೌದು, ದುಡ್ಡಿಡುವ ಬ್ಯಾಂಕೂ ಹೌದು.

ಈ ಎರಡು ಅರ್ಥ ಒಂದಾದದ್ದು ಇಟಲಿಯಲ್ಲಿ. ಮಧ್ಯಯುಗದ ಫ್ಲಾರೆನ್ಸ್, ಜಿನೋವಾ, ವೆನಿಸ್ ಪಟ್ಟಣಗಳ ಸಂತೆಯಲ್ಲಿ ಒಂದೊಂದು ಊರಿನ ನಾಣ್ಯ ಒಂದೊಂದು ತರಹ. ಅವನ್ನು ತೂಗಿ, ಉಜ್ಜಿ ನೋಡಿ, ಬದಲಾಯಿಸಿ ಕೊಡುವ ಸರಾಫರು ಎದುರಿಗೊಂದು ಹಲಗೆ ಬೆಂಚು ಹಾಕಿಕೊಂಡು ಕೂರುತ್ತಿದ್ದರು. ಆ ಬೆಂಚಿಗೆ ಬಾಂಕೊ ಅಥವಾ ಬಾಂಕಾ ಎಂದು ಹೆಸರು. ಬರಬರುತ್ತಾ ಬೆಂಚಿನ ಹೆಸರು ವ್ಯವಹಾರಕ್ಕೇ ಅಂಟಿಕೊಂಡಿತು. ಗ್ರೀಸಿನವರ ಕತೆಯೂ ಇದೇ. ಅವರ ಭಾಷೆಯಲ್ಲಿ ಬ್ಯಾಂಕಿಗೆ ಇಂದಿಗೂ ತ್ರಾಪೆಜಾ ಎನ್ನುತ್ತಾರೆ. ಹಾಗೆಂದರೆ ಮೇಜು!

ಇಟಲಿಯವರಿಗೂ ಈ ಪದ ಸ್ವಂತದ್ದಲ್ಲ, ಉತ್ತರದ ಜರ್ಮಾನಿಕ್ ಭಾಷೆಗಳಿಂದ ಬಂದದ್ದು. ಇಂಗ್ಲಿಷಿನ ಬೆಂಚ್ ಅದೇ ಬೇರಿನದು. ಅಂದರೆ ಬೆಂಚು ಮತ್ತು ಬ್ಯಾಂಕು ದಾಯಾದಿಗಳು. ಒಂದು ನೆಟ್ಟಗೆ ಬಂತು, ಇನ್ನೊಂದು ಇಟಲಿ ಸುತ್ತಿ ಬಂತು. ಮದುವೆಗೆ ನಾವು ಬುಕ್ ಮಾಡುವ ಬ್ಯಾಂಕ್ವೆಟ್ ಹಾಲಿನ ಬ್ಯಾಂಕ್ವೆಟ್ ಎಂದರೆ ಮೂಲದಲ್ಲಿ 'ಪುಟ್ಟ ಬೆಂಚು'. ನಾವು ಬಡ್ಡಿದರಕ್ಕೆ ಹೇಳುವ ಬೆಂಚ್‌ಮಾರ್ಕ್ ಎಂಬುದು ಸರ್ವೆಯವರ ಮಾತು. ಎತ್ತರ ಅಳೆಯುವ ಕೋಲನ್ನು ಕೂರಿಸಲು ಕಲ್ಲಿನಲ್ಲಿ ಅವರು ಕೊರೆಯುತ್ತಿದ್ದ ಗುರುತು ಅದು.

ಯೋಚಿಸಿ ನೋಡಿ. ಬ್ಯಾಂಕ್ ಅಂದರೆ ಬೆಂಚು. ಅದರ ಬೋರ್ಡ್ ಅಂದರೆ ಹಲಗೆ. ಮೇಲೆ ಚೇರ್‌ಮನ್. ಇಷ್ಟು ವರ್ಷ ನಾನು ಕೆಲಸ ಮಾಡಿದ್ದು ಬಡಗಿಯ ಅಂಗಡಿಯಲ್ಲೋ ಏನೋ!

ಬ್ಯಾಂಕ್‌ರಪ್ಟ್ ಅನ್ನುವ ಮಾತಿನಲ್ಲೂ ಈ ಬೆಂಚೇ ಇದೆ. ಇಟಲಿಯವರ ಬಾಂಕಾ ರೊತ್ತಾ, ಅಂದರೆ ಮುರಿದ ಬೆಂಚು. ಸಾಲ ತೀರಿಸಲಾರದ ಸರಾಫನ ಬೆಂಚನ್ನು ಜನ ನಿಜಕ್ಕೂ ಮುರಿದು ಹಾಕುತ್ತಿದ್ದರು ಎಂಬ ಕತೆಯಿದೆ. ಅದು ಬರೀ ರೂಪಕ ಇರಬಹುದು. ನಮ್ಮಲ್ಲಿ ಬೆಂಚಿರಲಿಲ್ಲ, ಹಾಗಾಗಿ ಮುರಿಯುವ ಪ್ರಶ್ನೆಯೂ ಇರಲಿಲ್ಲ. ಕಾಲಬಾದೇವಿಯ ಸರಾಫರು ಕೂರುತ್ತಿದ್ದದ್ದು ನೆಲದ ಮೇಲೆ ಹಾಸಿದ ಬಿಳಿ ಗಾದಿಯಲ್ಲಿ. ಗಾದಿ ಅಂದರೆ ಹಾಸಿಗೆಯೂ ಹೌದು, ಅಂಗಡಿಯ ಪೀಠವೂ ಹೌದು. ಮುಳುಗಿದ ವ್ಯಾಪಾರಿ ಹಾಡಹಗಲೇ ಅಂಗಡಿಯಲ್ಲಿ ದೀಪ ಹಚ್ಚಿಟ್ಟು ಊರು ಬಿಡುತ್ತಿದ್ದನಂತೆ. ದಿವಾಳಿ ಎಂಬ ಮಾತು ಆ ದೀಪದಿಂದಲೇ ಬಂದದ್ದು ಎನ್ನುತ್ತಾರೆ. ಇದಕ್ಕೆ ತಕರಾರು ಎತ್ತಿದವರೂ ಇದ್ದಾರೆ.

ಮುರಿದ ಬೆಂಚನ್ನು ಮುಂಬಯಿ ದೊಡ್ಡದಾಗಿಯೇ ಕಂಡಿದೆ. 1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಶುರುವಾಗಿ ಅಲ್ಲಿನ ಹತ್ತಿ ನಿಂತಿತು. ಇಂಗ್ಲೆಂಡಿನ ಗಿರಣಿಗಳಿಗೆ ನಮ್ಮ ಹತ್ತಿಯೇ ಗತಿ. ನಮ್ಮ ಕಾರವಾರದ ಬಂದರಿಗೂ ಆಗ ಜೀವ ಬಂತು, ಧಾರವಾಡದ ಕಡೆಯ ಹತ್ತಿ ಸಾಗಿಸಲು ಅಂತಲೇ. ಮುಂಬಯಿಗೆ ಹಣ ಸುರಿಯಿತು, ಕಂಡಕಂಡವರು ಕಂಪನಿ ತೆರೆದರು, ಕಾಗದದ ಶೇರುಗಳು ಬಂಗಾರದ ಬೆಲೆಗೆ ಹೋದವು. 1865ರಲ್ಲಿ ಯುದ್ಧ ನಿಂತಿತು, ಗುಳ್ಳೆ ಒಡೆಯಿತು. 1840ರಲ್ಲಿ ಶುರುವಾಗಿದ್ದ ಬ್ಯಾಂಕ್ ಆಫ್ ಬಾಂಬೆ ಆ ಹೊಡೆತದಿಂದ ಮೇಲೇಳಲಾಗದೆ 1868ರಲ್ಲಿ ಮುಚ್ಚಿತು. ಅದೇ ಹೆಸರಿನಲ್ಲಿ ಇನ್ನೊಂದನ್ನು ಹೊಸದಾಗಿ ಕಟ್ಟಬೇಕಾಯಿತು. ಆ ಶೇರು ದಲ್ಲಾಳಿಗಳಿಗೆ ಬೆಂಚೂ ಇರಲಿಲ್ಲ, ಗಾದಿಯೂ ಇರಲಿಲ್ಲ. ಟೌನ್ ಹಾಲಿನ ಎದುರು ಆಲದ ಮರದ ಕೆಳಗೆ ನಿಂತು ವ್ಯಾಪಾರ ಮಾಡುತ್ತಿದ್ದವರು 1875ರಲ್ಲಿ ಸಂಘ ಕಟ್ಟಿಕೊಂಡರು. ಅದೇ ಇವತ್ತಿನ ಬಾಂಬೆ ಸ್ಟಾಕ್ ಎಕ್ಸ್‌ಚೇಂಜ್.

ಆಲದ ಮರ ಅಂದಾಗಲೇ ನನಗೆ ತಟ್ಟನೆ ಹೊಳೆದದ್ದು ನಮ್ಮ ಅರಳಿಕಟ್ಟೆ. ಇಂಗ್ಲಿಷಿನಲ್ಲಿ ನದಿಯ ದಡಕ್ಕೂ ಬ್ಯಾಂಕ್ ಅನ್ನುತ್ತಾರಲ್ಲ, ಅದೂ ಬೆಂಚಿನ ಸಂಬಂಧಿಯೇ. ಎತ್ತರಿಸಿದ ದಿಬ್ಬ ಎಂಬ ಅರ್ಥದಿಂದ ಬಂದದ್ದು. ದಿಬ್ಬ, ಕೂರುವ ಜಾಗ, ನ್ಯಾಯ ಹೇಳುವ ಪೀಠ, ದುಡ್ಡಿನ ಜಾಗ, ಎಲ್ಲ ಒಂದೇ ಬೇರಿನಿಂದ. ಅಬ್ಬಾ ಅನಿಸುತ್ತದೆ ಅಲ್ಲವೇ? ಈಗ ಕನ್ನಡದ 'ಕಟ್ಟೆ' ನೋಡಿ. ಕೆರೆಕಟ್ಟೆ, ಕನ್ನಂಬಾಡಿ ಕಟ್ಟೆ: ನೀರಿಗೆ ಹಾಕಿದ ದಿಬ್ಬ. ಅರಳಿಕಟ್ಟೆ: ಕೂರುವ ಜಾಗ. ಪಂಚಾಯ್ತಿ ಕಟ್ಟೆ: ನ್ಯಾಯಪೀಠ. ಬೆಂಗಳೂರಿನ ಮಾಗಡಿ ರಸ್ತೆಯಲ್ಲಿ ಹೋದರೆ ಸುಂಕದಕಟ್ಟೆ ಸಿಗುತ್ತದೆ. ಸುಂಕದ ಕಟ್ಟೆ ಎಂದರೆ ದುಡ್ಡು ಎಣಿಸಿ ಕಟ್ಟಿಸಿಕೊಳ್ಳುವ ಜಾಗ. ಯುರೋಪಿನವರು ಬೆಂಚಿನ ಜೊತೆ ನಡೆದ ದಾರಿಯನ್ನೇ ನಮ್ಮ ಹಿರಿಯರು ಕಟ್ಟೆಯ ಜೊತೆ ನಡೆದಿದ್ದಾರೆ, ಒಬ್ಬರನ್ನೊಬ್ಬರು ಕೇಳದೆ. 'ಕಟ್ಟು' ಎಂಬ ಧಾತುವಿನಿಂದ ಬಂದ ಪದ ಅದು. ಮುಂಬಯಿಕರರು ಸಂಜೆ ಹೊತ್ತು ಹರಟುವ ಶಿವಾಜಿ ಪಾರ್ಕಿನ ಕಟ್ಟಾ ಇದೆಯಲ್ಲ, ಕನ್ನಡದ ಕಿವಿಗೆ ಅದರ ಗುರುತು ಸಿಗದೇ ಇರುತ್ತದೆಯೇ?

ಎಲ್ಲ ಕಡೆಯೂ ಈ ಒಂದೇ ಪದಕ್ಕೆ ಇಷ್ಟು ಭಾರ ಯಾಕೆ ಬಂತು? ನನಗೆ ತೋಚಿದ್ದು ಇಷ್ಟು. ನ್ಯಾಯವಿರಲಿ, ದುಡ್ಡಿರಲಿ, ನಾಲ್ಕು ಜನರ ಕಣ್ಣೆದುರು ಕೂತು ಮಾಡಬೇಕಾದ ಕೆಲಸ. ಬೆಂಚು ಹಾಕಿಕೊಂಡು ಕೂತವನು ನಾಳೆಯೂ ಅಲ್ಲೇ ಸಿಗುತ್ತಾನೆ ಎಂಬ ನಂಬಿಕೆಯ ಮೇಲೆ ತಾನೇ ಜನ ಅವನ ಕೈಗೆ ದುಡ್ಡು ಕೊಟ್ಟದ್ದು?

ನಮ್ಮ ಕರಾವಳಿಯ ಬ್ಯಾಂಕುಗಳೂ ಹುಟ್ಟಿದ್ದು ಹಾಗೆಯೇ. 1906ರಲ್ಲಿ ಮಂಗಳೂರಲ್ಲಿ ಅಮ್ಮೆಂಬಳ ಸುಬ್ಬರಾವ್ ಪೈಗಳು ಕೆನರಾ ಬ್ಯಾಂಕಿನ ಬೀಜ ಬಿತ್ತಿದರು. ಅದೇ ವರ್ಷ ಉಡುಪಿಯಲ್ಲಿ ಹಾಜಿ ಅಬ್ದುಲ್ಲಾ ಸಾಹೇಬರು ಕಾರ್ಪೊರೇಷನ್ ಬ್ಯಾಂಕು ಕಟ್ಟಿದರು. 1924ರಲ್ಲಿ ಕರ್ನಾಟಕ ಬ್ಯಾಂಕ್, 1925ರಲ್ಲಿ ಸಿಂಡಿಕೇಟ್, 1931ರಲ್ಲಿ ವಿಜಯಾ. ಸಿಂಡಿಕೇಟಿನವರು 1928ರಲ್ಲಿ ಪಿಗ್ಮಿ ಶುರು ಮಾಡಿ, ದಿನಕ್ಕೆ ಎರಡಾಣೆಯಿಂದ ಉಳಿತಾಯ ಸಂಗ್ರಹಿಸಿದರು. ಬ್ಯಾಂಕಿನ ಬೆಂಚಿನವರೆಗೆ ಬರಲು ಪುರುಸೊತ್ತಿಲ್ಲದ ಬೀಡಿ ಕಟ್ಟುವವರ, ಮೀನು ಮಾರುವವರ ಮನೆಬಾಗಿಲಿಗೆ ಬೆಂಚೇ ನಡೆದು ಹೋದ ಹಾಗೆ!

ಮುಂಬಯಿ ಕನ್ನಡಿಗರ ಕತೆಯಲ್ಲೂ ಬೆಂಚಿನ ಪಾತ್ರ ಸಣ್ಣದಲ್ಲ. ಹನ್ನೆರಡು ಹದಿಮೂರರ ಹುಡುಗರು ಊರು ಬಿಟ್ಟು ಬಂದು ಹೋಟೆಲಿನಲ್ಲಿ ಬೆಂಚು ಒರೆಸಿದರು. ರಾತ್ರಿ ಗಿರಾಕಿಗಳು ಹೋದ ಮೇಲೆ ಅದೇ ಬೆಂಚುಗಳನ್ನು ಜೋಡಿಸಿ ಮಲಗಿದರು. ನಡುವಿನ ಒಂದೆರಡು ಗಂಟೆ ಕೋಟೆ ಭಾಗದ ಕನ್ನಡ ರಾತ್ರಿಶಾಲೆಗಳ ಬೆಂಚಿನಲ್ಲಿ ತೂಕಡಿಸುತ್ತ ಕೂತು ಮೆಟ್ರಿಕ್ ಮುಗಿಸಿದರು. ಅವರಲ್ಲಿ ಎಷ್ಟೋ ಜನ ಆಮೇಲೆ ವಕೀಲರಾದರು, ಬ್ಯಾಂಕಿನ ಗುಮಾಸ್ತರಾದರು. ಬಿಲ್ಲವರ ಅಸೋಸಿಯೇಷನ್ ಅಂತೂ 1978ರಲ್ಲಿ ಭಾರತ್ ಕೋ-ಆಪರೇಟಿವ್ ಬ್ಯಾಂಕನ್ನೇ ಹುಟ್ಟುಹಾಕಿತು. ನಾನು ಕೆಲಸಕ್ಕೆ ಸೇರಿದಾಗ ನನಗೆ ಲೆಡ್ಜರ್ ಹಿಡಿಯುವುದು ಕಲಿಸಿದ ಹಿರಿಯರು ಅಂಥ ಒಬ್ಬ ರಾತ್ರಿಶಾಲೆಯವರು. ಬೆಳಗ್ಗೆ ಬಂದ ತಕ್ಷಣ ಗಿರಾಕಿಗಳ ಬೆಂಚನ್ನು ತಾವೇ ಕರವಸ್ತ್ರದಿಂದ ಒರೆಸುತ್ತಿದ್ದರು. ಪ್ಯೂನ್ ಇದ್ದಾನಲ್ಲ ಸಾರ್ ಅಂದರೆ, "ಕೈಗೆ ಅಭ್ಯಾಸವಾಗಿದೆ ಮಾರಾಯ" ಅನ್ನುತ್ತಿದ್ದರು.

ಆ ಬೆಂಚುಗಳು ಈಗ ಇಲ್ಲ. ಕರಾವಳಿಯ ಬ್ಯಾಂಕುಗಳಲ್ಲಿ ವಿಜಯಾ 2019ರ ಏಪ್ರಿಲ್ 1ರಂದು ಬ್ಯಾಂಕ್ ಆಫ್ ಬರೋಡಾದಲ್ಲಿ ಸೇರಿತು. ಮರುವರ್ಷ ಅದೇ ದಿನ ಸಿಂಡಿಕೇಟ್ ಕೆನರಾದಲ್ಲೂ ಕಾರ್ಪೊರೇಷನ್ ಯೂನಿಯನ್ ಬ್ಯಾಂಕಿನಲ್ಲೂ ಸೇರಿದವು. ನನ್ನ ಬ್ಯಾಂಕು ಯಾವುದು ಎಂಬುದು ಇಲ್ಲಿ ಬೇಡ. ಬೋರ್ಡು ಬದಲಾಯಿಸಲು ಏಣಿ ತಂದ ದಿನ ನಾನು ಕೆಳಗೆ ನಿಂತು ನೋಡಿದ್ದೇನೆ. ಒಳಗಿನ ಮರದ ಬೆಂಚು ಹೋಗಿ, ಒಬ್ಬೊಬ್ಬರಿಗೆ ಒಂದೊಂದರಂತೆ ತಣ್ಣನೆಯ ಸ್ಟೀಲ್ ಕುರ್ಚಿಗಳ ಸಾಲು ಬಂತು. ಈಗ ಹೆಚ್ಚಿನವರಿಗೆ ಅದೂ ಬೇಡ, ಫೋನಿದೆ. ಅನುಕೂಲವೇ, ಇಲ್ಲ ಅನ್ನಲಾರೆ, ನಾನೂ ಲೈಟ್ ಬಿಲ್ಲು ಫೋನಿನಲ್ಲೇ ಕಟ್ಟುತ್ತೇನೆ. ಆದರೆ ಕುರ್ಚಿಗೆ ಒಬ್ಬನೇ ಯಜಮಾನ. ಬೆಂಚಿನಲ್ಲಿ ಸ್ವಲ್ಪ ಸರಿದು ಕೂತರೆ ಇನ್ನೊಬ್ಬನಿಗೆ ಜಾಗವಿದೆ. ಲೋಕಲ್ ಗಾಡಿಯಲ್ಲಿ ಮೂವರ ಸೀಟಿನ ತುದಿಗೆ ನಾಲ್ಕನೆಯವನಾಗಿ ಕೂತು ಮೂವತ್ತು ವರ್ಷ ಓಡಾಡಿದವನಿಗೆ ಇದನ್ನು ಯಾರೂ ಹೇಳಿಕೊಡಬೇಕಾಗಿಲ್ಲ.

ಇರಲಿ. ಭಂಗಾರ್‌ವಾಲಾ ಮರುದಿನ ಬಂದ, 350 ಅಂದ. ಕೊಡುವುದಿಲ್ಲ ಅಂದೆ. ಬಾಡಿಗೆ ಮನೆಗೆ ಗ್ಯಾಲರಿ ಇಲ್ಲ. ಅಲ್ಲಿನ ಸೆಕ್ರೆಟರಿಯವರ ಅನುಮತಿ ಕೇಳಿ, ಕಂಪೌಂಡಿನಲ್ಲಿ ಗುಲ್‌ಮೊಹರ್ ಮರದ ಕೆಳಗೆ ಹಾಕಿಸಿದೆ. ಮೊದಲ ವಾರ ವಾಚ್‌ಮನ್ ಒಬ್ಬನೇ ಕೂರುತ್ತಿದ್ದ. ಈಗ ಸಂಜೆ ಐದಾರು ಮಂದಿ ಸೇರುತ್ತಾರೆ. ನಾನು ಬ್ಯಾಂಕಿನವನು ಎಂಬ ಸುದ್ದಿ ಹರಡಿದೆ. ಮೂರನೇ ಮಹಡಿಯ ಅಜ್ಜಿ ಎಫ್‌ಡಿಗೆ ನಾಮಿನಿ ಯಾರನ್ನು ಮಾಡಲಿ ಅಂತ ಪಾಸ್‌ಬುಕ್ ಹಿಡಿದು ಬರುತ್ತಾರೆ. ವಾಚ್‌ಮನ್ನಿಗೆ ಬಿಹಾರಕ್ಕೆ ಕಳಿಸಿದ ದುಡ್ಡು ತಲುಪಿತೋ ಇಲ್ಲವೋ ನೋಡಿ ಹೇಳಬೇಕು. ಕೆವೈಸಿ ಅಪ್‌ಡೇಟ್ ಮಾಡಿ ಅಂತ ಬಂದ ಫೋನು ನಿಜವೋ ಮೋಸವೋ ಎಂದು ದಿನಕ್ಕೊಬ್ಬರಾದರೂ ಕೇಳುತ್ತಾರೆ. ಮೋಸ ಅನ್ನುತ್ತೇನೆ, ಓಟಿಪಿ ಯಾರಿಗೂ ಕೊಡಬೇಡಿ ಅನ್ನುತ್ತೇನೆ. ಅಷ್ಟು ಹೇಳಿದರೆ ಅವರಿಗೆ ಸಮಾಧಾನ, ಸರಿದು ಇನ್ನೊಬ್ಬರಿಗೆ ಜಾಗ ಮಾಡಿಕೊಡುತ್ತಾರೆ.

ನಿನ್ನೆ ಏಳೂವರೆಯಾದರೂ ನಾನು ಮೇಲೆ ಹೋಗಿರಲಿಲ್ಲ. ಕಿಟಕಿಯಿಂದ ಹೆಂಡತಿ ಕೂಗಿ ಕೇಳಿದಳು, "ಬ್ಯಾಂಕು ಮುಚ್ಚೂದು ಎಷ್ಟು ಗಂಟೆಗೆ?"